ಬೇಟೆಯ ಋತು, ಬಂದೂಕು ಮತ್ತು ನಿಮ್ಮ ವೀಸಾ: ಪೆನ್ಸಿಲ್ವೇನಿಯಕ್ಕೆ ಬಂದ ಹೊಸಬರಿಗೆ

ಥ್ಯಾಂಕ್ಸ್‌ಗಿವಿಂಗ್ ಹಬ್ಬದ ಮರುದಿನ, ಶುಕ್ರವಾರ, ಅಂಗಡಿಗಳ ಮುಂದೆ ಜನ ಸಾಲು ನಿಲ್ಲುತ್ತಾರೆಂದು ಬಂದ ಮೊದಲ ತಿಂಗಳಲ್ಲೇ ಎಲ್ಲರಿಗೂ ಗೊತ್ತಾಗುತ್ತದೆ. ಅದರ ಮರುದಿನ, ಶನಿವಾರ ಬೆಳಗಿನಿಂದ ಈ ರಾಜ್ಯದಲ್ಲಿ ಜಿಂಕೆ ಬೇಟೆಯ ರೈಫಲ್ ಋತು ಶುರುವಾಗುತ್ತದೆ ಎಂಬುದನ್ನು ಮಾತ್ರ ಯಾರೂ ಹೇಳುವುದಿಲ್ಲ. 2019ಕ್ಕೆ ಮೊದಲು ಅದು ಸೋಮವಾರ ಆರಂಭವಾಗುತ್ತಿತ್ತು. ಹಳ್ಳಿಗಾಡಿನ ಅನೇಕ ಶಾಲೆಗಳು ಇಂದಿಗೂ ಆ ಸೋಮವಾರ ರಜೆ ಕೊಡುತ್ತವೆ. ಮಗುವಿನ ಶಾಲೆಯ ಕ್ಯಾಲೆಂಡರಿನಲ್ಲಿ ಥ್ಯಾಂಕ್ಸ್‌ಗಿವಿಂಗ್ ನಂತರದ ಸೋಮವಾರವೂ ರಜೆ ಎಂದು ಕಂಡು ಬೆರಗಾದವರಿದ್ದರೆ, ಅದರ ಹಿಂದೆ ಜಿಂಕೆಯಿದೆ.

ನಮ್ಮ ಕನ್ನಡ ಸಂಘದ ಕಡೆಯಿಂದ ಬ್ಯಾಂಕ್ ಖಾತೆ, ಚಾಲನಾ ಪರವಾನಗಿ, ಶಾಲೆಯ ದಾಖಲಾತಿಗಳ ಬಗ್ಗೆ ಈಗಾಗಲೇ ಬರೆದಿದ್ದೇವೆ. ಬೇಟೆಯ ಬಗ್ಗೆ ಬರೆಯಬೇಕೆಂದು ನನಗೆ ಅನ್ನಿಸಿದ್ದು ಎರಡು ವರ್ಷದ ಹಿಂದೆ, ಯುಗಾದಿ ಊಟದ ಪಂಕ್ತಿಯಲ್ಲಿ. ಎಚ್-1ಬಿ ಕೆಲಸದ ವೀಸಾದಲ್ಲಿ ಬಂದು ವರ್ಷ ತುಂಬದ ಹುಡುಗನೊಬ್ಬ ಪಕ್ಕದಲ್ಲಿ ಕುಳಿತು ಹೋಳಿಗೆ ಮುರಿಯುತ್ತಾ ಕೇಳಿದ: "ಅಣ್ಣಾ, ನಮ್ಮ ಆಫೀಸಿನವರೊಬ್ಬರು ಜಿಂಕೆ ಬೇಟೆಗೆ ಕರೆಯುತ್ತಿದ್ದಾರೆ. ಅವರ ಬಳಿ ಎರಡು ರೈಫಲ್ ಇವೆಯಂತೆ, ಒಂದನ್ನು ನನಗೆ ಕೊಡುತ್ತಾರಂತೆ. ಒಂದರಲ್ಲಿ ಸುಮ್ಮನೆ ಒತ್ತುತ್ತಾ ಹೋದರೆ ಸಾಕು, ಗುಂಡು ತಾನೇ ಏರಿಕೊಳ್ಳುತ್ತದಂತೆ. ಹೋಗಬಹುದೇ?" ಆ ಒಂದು ಪ್ರಶ್ನೆಯಲ್ಲಿ ಎರಡು ಕಾನೂನು ಮುರಿಯುವ ದಾರಿ ಇತ್ತು. ಅದು ಹುಡುಗನಿಗೂ ಗೊತ್ತಿರಲಿಲ್ಲ, ಪಾಪ, ಪ್ರೀತಿಯಿಂದ ಕರೆದ ಸಹೋದ್ಯೋಗಿಗೂ ಗೊತ್ತಿದ್ದಂತಿರಲಿಲ್ಲ.

ನಾನು ಸಕಲೇಶಪುರದ ಕಡೆಯವನು. ತೋಟಕ್ಕೆ ಹಂದಿ ನುಗ್ಗದಂತೆ ಹೆದರಿಸಲು ಅಪ್ಪನ ಬಳಿ ಒಂಟಿನಳಿಗೆಯ ಕೋವಿ ಇತ್ತು. ಚುನಾವಣೆ ಘೋಷಣೆಯಾದಾಗಲೆಲ್ಲ ಅದನ್ನು ಗೋಣಿಯಲ್ಲಿ ಸುತ್ತಿ ಪೊಲೀಸ್ ಠಾಣೆಗೆ ಒಪ್ಪಿಸಿ, ರಸೀದಿ ಪಡೆದು, ಫಲಿತಾಂಶ ಬಂದ ಮೇಲೆ ಬಿಡಿಸಿಕೊಂಡು ಬರುತ್ತಿದ್ದರು. ನಮ್ಮ ಮನಸ್ಸಿನಲ್ಲಿ ಬಂದೂಕು ಎಂದರೆ ಪರವಾನಗಿ, ಠಾಣೆ, ನವೀಕರಣ. ಇಲ್ಲಿ ಅದು ತಿರುಗುಮುರುಗು. ಪೆನ್ಸಿಲ್ವೇನಿಯದಲ್ಲಿ ರೈಫಲ್ ಇಟ್ಟುಕೊಳ್ಳುವುದಕ್ಕೆ ರಾಜ್ಯದ ಪರವಾನಗಿ ಬೇಡ. ಮೀನಿನ ಗಾಳ ಮಾರುವ ಅಂಗಡಿಯಲ್ಲೇ ಅದೂ ಸಿಗುತ್ತದೆ. ಹಾಗಾಗಿ ಇಲ್ಲಿ ಯಾವ ನಿಯಮವೂ ಇಲ್ಲ ಎಂದು ಹೊಸಬರು ತಿಳಿಯುತ್ತಾರೆ. ನಿಯಮಗಳು ಬೇಕಾದಷ್ಟಿವೆ. ಯಾರ ಕೈಯಲ್ಲಿ, ಯಾವ ಪ್ರಾಣಿಗೆ, ಯಾವ ಕೌಂಟಿಯಲ್ಲಿ (ಇಲ್ಲಿನ ಜಿಲ್ಲೆ), ಯಾವ ದಿನ ಎಂಬಲ್ಲಿ ಅವು ಅಡಗಿವೆ.

ಮೊದಲು ನಿಮ್ಮ ವೀಸಾ ನೋಡಿಕೊಳ್ಳಿ

ಈ ಬರಹದಲ್ಲಿ ಒಂದೇ ಭಾಗ ಓದುವುದಾದರೆ ಇದನ್ನು ಓದಿ. ಇದು ರಾಜ್ಯದ ನಿಯಮವಲ್ಲ, ಇಡೀ ದೇಶಕ್ಕೆ ಅನ್ವಯಿಸುವ ಫೆಡರಲ್ ಕಾನೂನು. ವಲಸೆಯೇತರ ವೀಸಾದಲ್ಲಿರುವವರು, ಅಂದರೆ ಎಚ್-1ಬಿ, ಅವರ ಕುಟುಂಬದವರ ಎಚ್-4, ಕಂಪನಿ ವರ್ಗಾವಣೆಯ ಎಲ್-1, ವಿದ್ಯಾರ್ಥಿಗಳ ಎಫ್-1, ತಂದೆತಾಯಿ ಬರುವ ಬಿ-2, ಇವರಾರೂ ಬಂದೂಕನ್ನಾಗಲಿ ತೋಟಾವನ್ನಾಗಲಿ ತಮ್ಮ ವಶದಲ್ಲಿ ಇಟ್ಟುಕೊಳ್ಳುವಂತಿಲ್ಲ. ಇದಕ್ಕೆ ಕೆಲವು ವಿನಾಯಿತಿಗಳಿವೆ. ನಮ್ಮವರಿಗೆ ಉಪಯೋಗಕ್ಕೆ ಬರುವುದು ಒಂದೇ: ಅಮೆರಿಕದ ಯಾವುದಾದರೂ ರಾಜ್ಯ ಕಾನೂನುಬದ್ಧವಾಗಿ ಕೊಟ್ಟ, ಅವಧಿ ಮುಗಿಯದ ಬೇಟೆ ಪರವಾನಗಿ ನಿಮ್ಮ ಹೆಸರಿನಲ್ಲಿ ಇರಬೇಕು.

"ವಶ" ಎಂದರೆ ಮಾಲೀಕತ್ವ ಎಂದು ತಿಳಿಯಬೇಡಿ. ಗೆಳೆಯನ ರೈಫಲನ್ನು ಹತ್ತು ನಿಮಿಷ ಕೈಯಲ್ಲಿ ಹಿಡಿದರೂ ಅದು ವಶವೇ. ಕಂಪನಿಯವರು ತಂಡದ ವಿಹಾರವೆಂದು ಶೂಟಿಂಗ್ ರೇಂಜಿಗೆ ಕರೆದೊಯ್ಯುತ್ತಾರೆ, ಅಲ್ಲಿ ಬಾಡಿಗೆಗೆ ಬಂದೂಕು ಕೊಡುತ್ತಾರೆ, ಎಲ್ಲರೂ ಫೋಟೊ ತೆಗೆಸಿಕೊಳ್ಳುತ್ತಾರೆ. ಬೇಟೆ ಪರವಾನಗಿ ಇಲ್ಲದ ಎಚ್-1ಬಿ ನೌಕರನಿಗೆ ಆ ಫೋಟೊ ತನ್ನ ವಿರುದ್ಧದ ಸಾಕ್ಷಿ. ಈ ಅಪರಾಧಕ್ಕೆ 2022ರ ತಿದ್ದುಪಡಿಯ ನಂತರ 15 ವರ್ಷದವರೆಗೆ ಸೆರೆವಾಸವಿದೆ. ಶಿಕ್ಷೆ ಕಡಿಮೆಯಾದರೂ ಬಂದೂಕಿನ ಅಪರಾಧ ಸಾಬೀತಾದವರನ್ನು ದೇಶದಿಂದ ಹೊರಹಾಕಲು ವಲಸೆ ಕಾನೂನಿನಲ್ಲಿ ಅವಕಾಶವಿದೆ. ಹತ್ತು ವರ್ಷ ಕಾದ ಗ್ರೀನ್ ಕಾರ್ಡ್ ಕನಸು ಅಲ್ಲಿಗೆ ಮುಗಿಯುತ್ತದೆ.

ಪರವಾನಗಿ ಪಡೆದವರಿಗೂ ಒಂದು ಕಿವಿಮಾತು. ಪೆನ್ಸಿಲ್ವೇನಿಯದ ಬೇಟೆ ಪರವಾನಗಿಯ ವರ್ಷ ಜುಲೈ 1ಕ್ಕೆ ಶುರುವಾಗಿ ಮುಂದಿನ ಜೂನ್ 30ಕ್ಕೆ ಮುಗಿಯುತ್ತದೆ. ಡಿಸೆಂಬರಿನಲ್ಲಿ ಜಿಂಕೆ ಹೊಡೆದು, ರೈಫಲನ್ನು ಬೀರುವಿನಲ್ಲಿಟ್ಟು, ಬೇಸಿಗೆಯಲ್ಲಿ ಅದರ ನೆನಪೇ ಇಲ್ಲದೆ ಇದ್ದರೆ, ಜುಲೈ ಮೊದಲ ದಿನ ಬೆಳಗ್ಗೆ ನೀವು ಏಳುವ ಹೊತ್ತಿಗೆ ಆ ಬೀರು ಅಪರಾಧದ ಸ್ಥಳವಾಗಿರುತ್ತದೆ. ನವೀಕರಣವನ್ನು ಒಂದು ದಿನವೂ ತಪ್ಪಿಸಬೇಡಿ. ಇನ್ನೊಂದು: ಪರವಾನಗಿ ಗಂಡನ ಹೆಸರಿನಲ್ಲಿದ್ದರೆ ಎಚ್-4ರಲ್ಲಿರುವ ಹೆಂಡತಿಗೆ ಅದರ ರಕ್ಷಣೆ ಇಲ್ಲ. ಬೀಗದ ಕೈ ಅಥವಾ ಸೇಫಿನ ಸಂಖ್ಯೆ ಪರವಾನಗಿ ಇರುವವರ ಬಳಿ ಮಾತ್ರ ಇರಲಿ. ವೀಸಾ ಅವಧಿ ಮೀರಿ ಉಳಿದವರಿಗಂತೂ ಬೇಟೆ ಪರವಾನಗಿಯಿಂದಲೂ ಪ್ರಯೋಜನವಿಲ್ಲ. ಗ್ರೀನ್ ಕಾರ್ಡ್ ಬಂದವರಿಗೆ ಈ ನಿಷೇಧ ಅನ್ವಯಿಸುವುದಿಲ್ಲ. ಗ್ರೀನ್ ಕಾರ್ಡ್ ಅರ್ಜಿ ಹಾಕಿ ಕಾಯುತ್ತಿರುವವರು ಗೆಳೆಯರನ್ನು ಕೇಳಬೇಡಿ, ನಿಮ್ಮ ವಲಸೆ ವಕೀಲರನ್ನೇ ಕೇಳಿ.

ಕೊಡಗಿನ ಕುಟುಂಬಗಳಿಗೆ ಪ್ರೀತಿಯಿಂದ ಒಂದು ಮಾತು. ಅಲ್ಲಿ ಕೊಡವರಿಗೂ ಜಮ್ಮಾ ಭೂಮಿ (ಕೊಡಗಿನ ಹಳೆಯ ವಂಶಪಾರಂಪರ್ಯ ಹಿಡುವಳಿ) ಹೊಂದಿರುವವರಿಗೂ ಬಂದೂಕು ಪರವಾನಗಿಯಿಂದ ಇರುವ ವಿನಾಯಿತಿಯನ್ನು ಕೇಂದ್ರ ಸರ್ಕಾರ 2029ರವರೆಗೆ ಮುಂದುವರಿಸಿದೆ. ಕೈಲ್ ಪೊಳ್ದ್ ದಿನ ಕೋವಿಗೆ ಹೂ ಮುಡಿಸಿ ಪೂಜಿಸಿದ ಮನೆಯವರಿಗೆ ಬಂದೂಕು ಅಪರಿಚಿತ ವಸ್ತುವಲ್ಲ. ಆದರೆ ಆ ಹಕ್ಕು ಭಾರತದ ಶಸ್ತ್ರಾಸ್ತ್ರ ಕಾನೂನಿನದು, ಕಡಲು ದಾಟಿ ಬರುವುದಿಲ್ಲ. ಇಲ್ಲಿ ಹಬ್ಬ ಮಾಡುವಾಗ ನೆರೆಮನೆಯವರ ಕೋವಿಯನ್ನು ಎರವಲು ತಂದು ಪೂಜೆಗಿಡುವ ಆಸೆಯಾದರೆ ಮೇಲಿನ ಭಾಗವನ್ನು ಇನ್ನೊಮ್ಮೆ ಓದಿ.

ಸೆಮಿ ಆಟೊಮ್ಯಾಟಿಕ್ ರೈಫಲ್: ಮೊಲಕ್ಕೆ ಸರಿ, ಜಿಂಕೆಗೆ ಇಲ್ಲ

ಇನ್ನು ಆ ಹುಡುಗನ ಪ್ರಶ್ನೆಯ ಎರಡನೆಯ ಅರ್ಧ. ಬೇಟೆಗಾರರು ಹೆಚ್ಚಾಗಿ ಬಳಸುವ ಬೋಲ್ಟ್ ರೈಫಲಿನಲ್ಲಿ ಒಂದು ಗುಂಡು ಹಾರಿದ ಮೇಲೆ ಬಲಗೈಯಿಂದ ಹಿಡಿಯನ್ನು ಮೇಲೆತ್ತಿ ಹಿಂದಕ್ಕೆ ಎಳೆಯಬೇಕು. ಖಾಲಿ ಕೊಳವೆ ಹೊರಗೆ ಚಿಮ್ಮುತ್ತದೆ. ಮತ್ತೆ ಮುಂದಕ್ಕೆ ತಳ್ಳಿ ಕೆಳಗೆ ಮಡಚಿದರೆ ಹೊಸ ತೋಟಾ ಕೂರುತ್ತದೆ. ಸೆಮಿ ಆಟೊಮ್ಯಾಟಿಕ್, ಅಂದರೆ ಅರೆಸ್ವಯಂಚಾಲಿತ ರೈಫಲಿನಲ್ಲಿ ಈ ಕೆಲಸವನ್ನು ಯಂತ್ರವೇ ಮಾಡುತ್ತದೆ. ಕುದುರೆಯನ್ನು (ಟ್ರಿಗರ್) ಒಮ್ಮೆ ಎಳೆದರೆ ಒಂದು ಗುಂಡು, ಮುಂದಿನ ತೋಟಾ ತಾನಾಗಿ ಸಿದ್ಧ. ಸುದ್ದಿಯಲ್ಲಿ ಕೇಳುವ ಎಆರ್-15 ಈ ಜಾತಿಯದು.

ಅಮೆರಿಕದ ಬಹುಪಾಲು ರಾಜ್ಯಗಳಲ್ಲಿ ಇಂಥ ರೈಫಲಿನಿಂದ ಜಿಂಕೆ ಹೊಡೆಯಬಹುದು. ಪೆನ್ಸಿಲ್ವೇನಿಯದಲ್ಲಿ ಹೊಡೆಯುವಂತಿಲ್ಲ. ಇದಕ್ಕೊಂದು ಕಥೆಯಿದೆ. ಇಲ್ಲಿ ಬೇಟೆಗೆ ಈ ರೈಫಲುಗಳ ಬಳಕೆ ಪೂರ್ತಿ ನಿಷಿದ್ಧವಾಗಿತ್ತು. 2016ರ ನವೆಂಬರಿನಲ್ಲಿ ಆಗಿನ ಗವರ್ನರ್ ಟಾಮ್ ವುಲ್ಫ್ ಸಹಿ ಹಾಕಿದ ಕಾಯ್ದೆ, ಈ ವಿಷಯವನ್ನು ತೀರ್ಮಾನಿಸುವ ಅಧಿಕಾರವನ್ನು ಬೇಟೆ, ವನ್ಯಜೀವಿಗಳ ವಿಷಯ ನೋಡಿಕೊಳ್ಳುವ ರಾಜ್ಯದ ಗೇಮ್ ಕಮಿಷನ್‌ಗೆ ಒಪ್ಪಿಸಿತು. 2017ರ ಜನವರಿಯಲ್ಲಿ ಕಮಿಷನ್ ದೊಡ್ಡ ಪ್ರಾಣಿಗಳಿಗೂ ಅವಕಾಶ ಕೊಡುವ ಪ್ರಸ್ತಾವಕ್ಕೆ ಪ್ರಾಥಮಿಕ ಒಪ್ಪಿಗೆ ನೀಡಿತು. ಆಮೇಲೆ ಪರವಾನಗಿ ಪಡೆದ ಬೇಟೆಗಾರರನ್ನೇ ಸಮೀಕ್ಷೆಯಲ್ಲಿ ಕೇಳಿದರೆ, ನೂರರಲ್ಲಿ ಅರವತ್ತಕ್ಕೂ ಹೆಚ್ಚು ಮಂದಿ ಜಿಂಕೆಯಂಥ ದೊಡ್ಡ ಪ್ರಾಣಿಗಳಿಗೆ ಇದು ಬೇಡವೆಂದರು. ಮಾರ್ಚ್‌ನಲ್ಲಿ ಅಂತಿಮ ತೀರ್ಮಾನ ಬಂತು: ಸಣ್ಣ ಪ್ರಾಣಿಗಳಿಗೂ ನರಿಯಂಥ ತುಪ್ಪಳದ ಪ್ರಾಣಿಗಳಿಗೂ ಸರಿ, ದೊಡ್ಡ ಪ್ರಾಣಿಗಳಿಗೆ ಇಲ್ಲ.

ಆದ್ದರಿಂದ ಮೊಲ, ಅಳಿಲಿಗೆ .22 (ಅಂಗುಲದಲ್ಲಿ ನಳಿಗೆಯ ಅಳತೆ) ಅಥವಾ ಅದಕ್ಕಿಂತ ಸಣ್ಣ ಅಳತೆಯ ಸೆಮಿ ಆಟೊಮ್ಯಾಟಿಕ್ ರೈಫಲ್ ಬಳಸಬಹುದು. ನರಿ, ತೋಳದಂಥ ಕಯೋಟಿಗಳಿಗೂ ಸೆಮಿ ಆಟೊಮ್ಯಾಟಿಕ್ ನಡೆಯುತ್ತದೆ. ಜಿಂಕೆ, ಕರಡಿ, ಎಲ್ಕ್‌ಗಳಿಗೆ ಕೈಯಿಂದ ತೋಟಾ ಏರಿಸುವ ರೈಫಲ್ ಮಾತ್ರ. ಒಂದೇ ತೋಟಾ ತುಂಬಿಕೊಂಡು ಹೋದರೆ ಆಗದೇ ಎಂದು ಕೆಲವರು ಕೇಳುತ್ತಾರೆ. ಆಗದು. ಕಾನೂನು ನೋಡುವುದು ಬಂದೂಕು ಕೆಲಸ ಮಾಡುವ ಬಗೆಯನ್ನು. ಒಳಗೆಷ್ಟು ತೋಟಾ ಇವೆ ಎಂಬುದು ಬೇರೆ ಮಾತು.

ನನಗೆ ಈ ತೀರ್ಮಾನ ಸರಿಯೆನಿಸುತ್ತದೆ, ಅದನ್ನು ಕೈಗೊಂಡ ರೀತಿ ಇನ್ನೂ ಹೆಚ್ಚು. ಬಂದೂಕು ಬೇಡವೆನ್ನುವ ಜನ ಹೇರಿದ ನಿಯಮವಲ್ಲ ಇದು. ಕೆಳಗಿನ ಹಿಡಿ ಎಳೆದು ತೋಟಾ ಏರಿಸುವ ಅಜ್ಜನ ಕಾಲದ ಲಿವರ್ ರೈಫಲನ್ನು ಇಂದಿಗೂ ಎಣ್ಣೆ ಹಚ್ಚಿ ಒರೆಸುವ ಜನ ತಾವಾಗಿ ಹಾಕಿಕೊಂಡ ಗೆರೆ. ನಮ್ಮ ಬೀದಿಯ ಹಿರಿಯರೊಬ್ಬರು ತಮ್ಮ ಮೊಮ್ಮಗನಿಗೆ ಬೋಲ್ಟ್ ಎಳೆಯುವುದನ್ನು ಕಲಿಸುವುದನ್ನು ನೋಡಿದ್ದೇನೆ. ಖಾಲಿ ರೈಫಲ್, ಅಡುಗೆಮನೆಯ ಮೇಜು. ಎಳೆದಾಗಲೊಮ್ಮೆ ನಿಲ್ಲಿಸಿ, ಜಿಂಕೆಯ ಹಿಂದೆ ಏನಿದೆ ಎಂದು ಕೇಳುತ್ತಿದ್ದರು. ಹುಡುಗ ಮಣ್ಣಿನ ದಿಬ್ಬ ಎಂದರೆ ಮುಂದೆ, ಗೊತ್ತಿಲ್ಲ ಎಂದರೆ ರೈಫಲ್ ಕೆಳಗೆ.

ಕೌಂಟಿ ಬದಲಾದರೆ, ರಾಜ್ಯ ಬದಲಾದರೆ

ನಮ್ಮವರು ಹೆಚ್ಚಾಗಿ ನೆಲೆಸಿರುವುದು ಫಿಲಡೆಲ್ಫಿಯಾದ ಸುತ್ತಲಿನ ಚೆಸ್ಟರ್, ಮಾಂಟ್ಗೊಮರಿ, ಬಕ್ಸ್, ಡೆಲವೇರ್ ಕೌಂಟಿಗಳಲ್ಲಿ, ಇಲ್ಲವೇ ಪಿಟ್ಸ್‌ಬರ್ಗ್ ಇರುವ ಅಲ್ಲೆಘೆನಿಯಲ್ಲಿ. ಇವು ವಿಶೇಷ ನಿಯಮದ ಪ್ರದೇಶಗಳು. ಜನವಸತಿ ದಟ್ಟವಾಗಿರುವುದರಿಂದ ಜಿಂಕೆಗೆ ದೂರ ಹಾರುವ ಸೆಂಟರ್‌ಫೈರ್ (ತೋಟಾದ ಬುಡದ ನಡುವಿಗೆ ಬಡಿದು ಗುಂಡು ಹಾರಿಸುವ) ರೈಫಲನ್ನು, ಅದು ಬೋಲ್ಟ್ ಆಗಿದ್ದರೂ, ಇಲ್ಲಿ ಬಳಸುವಂತಿಲ್ಲ. ಶಾಟ್‌ಗನ್, ಮದ್ದು ತುಂಬುವ ಹಳೆಯ ಬಗೆಯ ಕೋವಿ, ಬಿಲ್ಲುಬಾಣಗಳಿಗೆ ಮಾತ್ರ ಅವಕಾಶ.

ಗಡಿ ದಾಟಿದರೆ ಲೆಕ್ಕವೇ ಬೇರೆ. ನ್ಯೂಜೆರ್ಸಿಯಲ್ಲಿ ಜಿಂಕೆಗೆ ಆಧುನಿಕ ರೈಫಲೇ ಇಲ್ಲ. ನ್ಯೂಯಾರ್ಕಿನಲ್ಲಿ ಸೆಮಿ ಆಟೊಮ್ಯಾಟಿಕ್ ಬಳಸಬಹುದಾದರೂ ಒಟ್ಟು ಆರಕ್ಕಿಂತ ಹೆಚ್ಚು ತೋಟಾ ಹಿಡಿಸುವಂತಿರಬಾರದು, ತೋಟಾದ ಅಂಚಿಗೆ ಬಡಿದು ಹಾರಿಸುವ .22 ರಿಮ್‌ಫೈರಿನಂಥ ಕೆಲವಕ್ಕೆ ಮಾತ್ರ ಇದರಿಂದ ವಿನಾಯಿತಿ. ಒಹಾಯೊದಲ್ಲಿ ಜಿಂಕೆಗೆ ನೇರಗೋಡೆಯ, ಅಂದರೆ ತುದಿಯಲ್ಲಿ ಕಿರಿದಾಗದ, ತೋಟಾ ಬಳಸುವ ರೈಫಲ್ ಮಾತ್ರ, ಅದರಲ್ಲೂ ಮೂರಕ್ಕಿಂತ ಹೆಚ್ಚು ತುಂಬುವಂತಿಲ್ಲ. ಟೆಕ್ಸಸ್‌ನ ಸೋದರಮಾವ ಫೋನಿನಲ್ಲಿ ಕೊಡುವ ಸಲಹೆ ಇಲ್ಲಿಗೆ ಹೊಂದುವುದಿಲ್ಲ.

ಪರವಾನಗಿ ಬೇಕಾದವರು ಮೊದಲು ಬೇಟೆ ಸುರಕ್ಷತೆಯ ತರಬೇತಿ ಮುಗಿಸಬೇಕು. 11 ವರ್ಷ ತುಂಬಿದ ಮಕ್ಕಳೂ ಕುಳಿತುಕೊಳ್ಳಬಹುದು. ಬೇಟೆಯ ಆಸೆ ಇಲ್ಲದವರೂ ಒಮ್ಮೆ ಪಾಠ ಓದಿ ನೋಡಿ, ಕಾಡಿನಂಚಿನ ಮನೆಯಲ್ಲಿ ಬದುಕಲು ಬೇಕಾದ ತಿಳಿವಳಿಕೆ ಅದರಲ್ಲಿದೆ. ಪ್ರತಿ ವರ್ಷದ ದಿನಾಂಕ, ಬದಲಾದ ನಿಯಮಗಳು ಗೇಮ್ ಕಮಿಷನ್ ಹೊರತರುವ ಪುಸ್ತಿಕೆಯಲ್ಲಿರುತ್ತವೆ. ಹೋದ ವರ್ಷದ್ದನ್ನು ನಂಬಬೇಡಿ.

ಬೇಟೆಗೆ ಹೋಗದವರಿಗೆ

ನಮ್ಮಲ್ಲಿ ಬಹಳಷ್ಟು ಮನೆಗಳವರು ಬಂದೂಕು ಮುಟ್ಟುವವರಲ್ಲ. ಆದರೂ ನವೆಂಬರಿನಲ್ಲಿ ಬೆಟ್ಟ ಹತ್ತಲು ಹೋಗುತ್ತಾರೆ. ಜಿಂಕೆಯ ರೈಫಲ್ ಋತುವಿನಲ್ಲಿ ಬೇಟೆಗಾರರು ತಲೆ, ಎದೆ, ಬೆನ್ನು ಸೇರಿ 250 ಚದರ ಅಂಗುಲದಷ್ಟು ಹೊಳೆಯುವ ಕಿತ್ತಳೆ ಬಣ್ಣ ತೊಡಬೇಕು, ಅದು ಎಲ್ಲ ದಿಕ್ಕಿನಿಂದಲೂ ಕಾಣಬೇಕು. ನೀವೂ ತೊಡಿ. ರಾಜ್ಯದ ಬೇಟೆ ಭೂಮಿಗಳಲ್ಲಿ ನವೆಂಬರ್ 15ರಿಂದ ಡಿಸೆಂಬರ್ 15ರವರೆಗೆ ನಡೆದಾಡುವವರಿಗೂ ಇದು ಕಡ್ಡಾಯ. ನಮ್ಮ ಹೆಂಗಸರು ಇಷ್ಟಪಡುವ ಬಿಳಿ ಶಾಲು ಆ ದಿನಗಳಲ್ಲಿ ಬೇಡವೇ ಬೇಡ. ಇಲ್ಲಿನ ಜಿಂಕೆಯ ಬಾಲದ ಅಡಿ ಅದೇ ಬಿಳುಪು. ಮೊದಲೆಲ್ಲ ಭಾನುವಾರ ಬೇಟೆ ಇಲ್ಲವೆಂದು ನಿಶ್ಚಿಂತೆಯಿಂದ ಹೋಗುತ್ತಿದ್ದೆವು. 2019ರ ಕಾಯ್ದೆ ಮೂರು ಭಾನುವಾರಗಳನ್ನು ಬೇಟೆಗೆ ಬಿಟ್ಟುಕೊಟ್ಟಿತು, 2025ರ ಕಾಯ್ದೆ ಆ ಹಳೆಯ ನಿಷೇಧವನ್ನೇ ತೆಗೆದುಹಾಕಿತು.

ಮರದ ಕಾಂಡದ ಮೇಲೆ ನೇರಳೆ ಬಣ್ಣದ ಪಟ್ಟಿ ಕಂಡರೆ ಅಲ್ಲೇ ನಿಲ್ಲಿ. ಕನಿಷ್ಠ ಎಂಟು ಅಂಗುಲ ಉದ್ದ, ಒಂದು ಅಂಗುಲ ಅಗಲದ ಆ ನೇರ ಗೆರೆ 2020ರಿಂದ "ಪ್ರವೇಶವಿಲ್ಲ" ಫಲಕಕ್ಕೆ ಸಮ. ಫಿಲಡೆಲ್ಫಿಯಾ ಮತ್ತು ಅಲ್ಲೆಘೆನಿ ಕೌಂಟಿಗಳಲ್ಲಿ ಮಾತ್ರ ಇದು ಜಾರಿಯಲ್ಲಿಲ್ಲ. ಮಗು ಅದನ್ನು ಚಾರಣದ ಗುರುತೆಂದು ಹಿಂಬಾಲಿಸಿದ್ದು ನಮ್ಮ ಮನೆಯಲ್ಲೇ ಆಗಿದೆ.

ನಿಮ್ಮ ಮನೆಯಿಂದ 150 ಗಜದೊಳಗೆ, ನಿಮ್ಮ ಅನುಮತಿಯಿಲ್ಲದೆ ಯಾರೂ ಬಂದೂಕಿನಿಂದ ಬೇಟೆಯಾಡುವಂತಿಲ್ಲ. ಬಾಡಿಗೆ ಮನೆಯಾದರೂ ಅನುಮತಿ ಕೊಡುವವರು ಅಲ್ಲಿ ವಾಸವಿರುವವರು, ಅಂದರೆ ನೀವು. ಹಿತ್ತಿಲ ಹಿಂದೆ ಗುಂಡಿನ ಸದ್ದು ತೀರ ಹತ್ತಿರವೆನಿಸಿದರೆ ನೀವೇ ಹೋಗಿ ಜಗಳಕ್ಕೆ ನಿಲ್ಲಬೇಡಿ, ಗೇಮ್ ಕಮಿಷನ್‌ಗೆ ಫೋನ್ ಮಾಡಿ. ಸ್ನೇಹಿತರ ಕಾರಿನಲ್ಲಿ ತೋಟಾ ತುಂಬಿದ ರೈಫಲ್ ಕಂಡರೆ ಹತ್ತಬೇಡಿ. ನಿಂತ ವಾಹನಕ್ಕೆ ಒರಗಿಸಿಡುವುದೂ ಇಲ್ಲಿ ತಪ್ಪು.

ನೆರೆಯವರು ಜಿಂಕೆ ಮಾಂಸ ತಂದುಕೊಟ್ಟರೆ ತೆಗೆದುಕೊಳ್ಳಬಹುದು, ದುಡ್ಡು ಮಾತ್ರ ಕೊಡಬೇಡಿ. ಕಾಡುಪ್ರಾಣಿಯ ಮಾಂಸದ ಮಾರಾಟ ನಿಷಿದ್ಧ. ಸಸ್ಯಾಹಾರಿಗಳಾಗಿದ್ದರೆ ಹಾಗೆಂದೇ ಹೇಳಿ, ಯಾರೂ ಬೇಸರಪಡುವುದಿಲ್ಲ. ನಮ್ಮ ನೆರೆಯವರು ಮರುವರ್ಷದಿಂದ ಸೇಬಿನ ಬುಟ್ಟಿ ತರತೊಡಗಿದರು.

ಆ ಹುಡುಗ ಕೊನೆಗೆ ರೈಫಲ್ ಮುಟ್ಟಲಿಲ್ಲ. ಕಿತ್ತಳೆ ಅಂಗಿ ತೊಟ್ಟು, ಕ್ಯಾಮೆರಾ ಹಿಡಿದು, ಸಹೋದ್ಯೋಗಿಯ ಜೊತೆ ಬೆಳಗಿನ ಜಾವದ ಹಿಮದಲ್ಲಿ ಕುಳಿತು ಬಂದ. ಈ ವರ್ಷ ತರಬೇತಿಗೆ ಹೆಸರು ಕೊಟ್ಟಿದ್ದಾನೆ.

ರಾಜ್ಯೋತ್ಸವ ಕಾರ್ಯಕ್ರಮದ ದಿನ ಸಭಾಂಗಣದ ಬಾಗಿಲಲ್ಲಿ, ಚಪ್ಪಲಿ ಬಿಡುವ ಜಾಗದ ಪಕ್ಕ, ಕಿತ್ತಳೆ ಟೋಪಿಗಳ ಪೆಟ್ಟಿಗೆ ಇಟ್ಟಿರುತ್ತೇವೆ. ಮಕ್ಕಳ ಅಳತೆಯವೂ ಇವೆ. ಮನೆಯಲ್ಲಿ ಎಷ್ಟು ಜನರಿದ್ದೀರೋ ಅಷ್ಟು ತೆಗೆದುಕೊಂಡು ಹೋಗಿ.