ಸಾಕ್ಷ್ಯಚಿತ್ರವನ್ನೇ ವೃತ್ತಿಯಾಗಿಸಿಕೊಳ್ಳಲು ಏನೇನು ಕಲಿಯಬೇಕು, ಯಾವ ಕ್ರಮದಲ್ಲಿ ಕಲಿಯಬೇಕು

ಸಾಕ್ಷ್ಯಚಿತ್ರಗಳು ಬಹುಮಟ್ಟಿಗೆ ಕಡಿಮೆ ಹಣದಲ್ಲಿ, ಒಬ್ಬರೋ ಇಬ್ಬರೋ ಸೇರಿ ವರ್ಷಗಟ್ಟಲೆ ಚಿತ್ರೀಕರಿಸುವ ಕೆಲಸವಾದ್ದರಿಂದ, ಈ ವೃತ್ತಿಗೆ ಬರುವವರಿಗೆ ಕ್ಯಾಮೆರಾ, ಧ್ವನಿಮುದ್ರಣ, ಸಂಕಲನ ಮತ್ತು ಬರವಣಿಗೆ ಈ ನಾಲ್ಕೂ ಗೊತ್ತಿರಬೇಕು. ಹೆಚ್ಚಿನವರು ಕ್ಯಾಮೆರಾದಿಂದ ಆರಂಭಿಸುತ್ತಾರೆ. ಧ್ವನಿಯಿಂದ ಆರಂಭಿಸಿ ಎಂಬುದು ನನ್ನ ಸಲಹೆ.

ಚಿತ್ರ ತುಸು ಅಲುಗಾಡಿದರೂ ನೋಡುಗರು ಸಹಿಸಿಕೊಳ್ಳುತ್ತಾರೆ, ಆದರೆ ಮಾತು ಕೇಳಿಸದಿದ್ದರೆ ಎದ್ದುಹೋಗುತ್ತಾರೆ. ಧ್ವನಿಮುದ್ರಕದ ಗುಣಮಟ್ಟದ ಸೆಟ್ಟಿಂಗ್ ಅನ್ನು 48 ಕಿಲೋಹರ್ಟ್ಸ್, 24 ಬಿಟ್‌ಗೆ ಇಟ್ಟು ಮುದ್ರಿಸಿ. ಅದರ ಮೀಟರಿನಲ್ಲಿ ಮಾತಿನ ಮಟ್ಟ ಮೈನಸ್ 12 ಡೆಸಿಬೆಲ್ ಆಸುಪಾಸಿನಲ್ಲಿರಲಿ. ಸಂದರ್ಶನದ ಮನೆಯಲ್ಲಿ ಫ್ರಿಜ್ ಗುಂಯ್‌ಗುಟ್ಟುತ್ತಿದ್ದರೆ ಮನೆಯವರನ್ನು ಕೇಳಿ ಅದನ್ನು ಆರಿಸಿ, ನಿಮ್ಮ ಗಾಡಿಯ ಕೀಲಿಯನ್ನು ಅದರೊಳಗೇ ಇಡಿ. ಅದನ್ನು ಮತ್ತೆ ಚಾಲೂ ಮಾಡುವುದನ್ನು ಮರೆತು ಹೊರಡುವ ಪ್ರಮೇಯವೇ ಬರುವುದಿಲ್ಲ. ಹೊರಡುವ ಮುನ್ನ ಎಲ್ಲರೂ ಸುಮ್ಮನೆ ಕುಳಿತು ಆ ಕೋಣೆಯ ನಿಶ್ಶಬ್ದವನ್ನು ಒಂದು ನಿಮಿಷ ಮುದ್ರಿಸಿಕೊಳ್ಳಬೇಕು, ಏಕೆಂದರೆ ಸಂಕಲನದಲ್ಲಿ ಮಾತು ಕತ್ತರಿಸಿದ ಜಾಗಗಳನ್ನು ಮುಚ್ಚುವುದು ಅದೇ.

ಎರಡನೆಯದು ಸಂಕಲನ. ಬೇರೆಯವರು ತೆಗೆದ ದೃಶ್ಯಗಳನ್ನು ಕೆಲವು ತಿಂಗಳು ಜೋಡಿಸಿದವರಿಗೆ ಚಿತ್ರೀಕರಣದಲ್ಲಿ ಏನು ಬಿಟ್ಟುಹೋಗುತ್ತದೆ ಎಂಬುದು ತಾನಾಗಿ ಗೊತ್ತಾಗುತ್ತದೆ. ಆಮೇಲೆ ಕ್ಯಾಮೆರಾ ಹಿಡಿಯಿರಿ. ಬಡಗಿಯೊಬ್ಬರು ಹಲಗೆಗೆ ಉಜ್ಜುಗೊರಡು ಹಾಕುತ್ತಿದ್ದಾರೆ ಎನ್ನೋಣ. ಇಡೀ ಕೋಣೆ, ಕೈ, ಮುಖ, ಸುರುಳಿಯಾಗಿ ಬೀಳುವ ಹೊಟ್ಟು, ಇವನ್ನೆಲ್ಲ ತಲಾ 10 ಸೆಕೆಂಡಾದರೂ ಕದಲದೆ ತೆಗೆಯಿರಿ. ಅವರು ಕೆಲಸ ನಿಲ್ಲಿಸಿದರೆಂದು ನೀವೂ ಕ್ಯಾಮೆರಾ ನಿಲ್ಲಿಸಬೇಡಿ. ಹಲಗೆಯ ಮೇಲೆ ಅಂಗೈ ಸವರಿ, ಕಣ್ಣು ಕಿರಿದಾಗಿಸಿ ಅಂಚು ನೋಡುವ ಆ ಗಳಿಗೆಯಲ್ಲೇ ಮನುಷ್ಯ ಕಾಣಿಸುವುದು. ಸಂದರ್ಶನಕ್ಕೂ ಇದೇ ಮಾತು ಸಲ್ಲುತ್ತದೆ: ಉತ್ತರ ಮುಗಿದ ಮೇಲೆ ಐದು ಸೆಕೆಂಡು ಸುಮ್ಮನಿದ್ದು ನೋಡಿ, ನಿಜವಾದ ಮಾತು ಎಷ್ಟೋ ಸಲ ಆಗ ಬರುತ್ತದೆ.

ಚಿತ್ರೀಕರಿಸಿದ್ದನ್ನು ಅಂದೇ ಮೂರು ಪ್ರತಿ ಮಾಡಿ, ಒಂದನ್ನು ಬೇರೆ ಕಟ್ಟಡದಲ್ಲಿಡಿ. ಒಪ್ಪಿಗೆ ಪತ್ರಕ್ಕೆ ಸಹಿ ಪಡೆಯುವ ಮುನ್ನ ಚಿತ್ರ ಎಲ್ಲೆಲ್ಲಿ ತೋರಿಸಲ್ಪಡಬಹುದೆಂದು ಬಿಡಿಸಿ ಹೇಳಿ. ಸಹಿ ಮಾಡಿದವರಿಗೆ ಅದು ತಿಳಿದಿರಲಿಲ್ಲವೆಂದಾದರೆ ಆ ಕಾಗದಕ್ಕೆ ನನ್ನ ದೃಷ್ಟಿಯಲ್ಲಿ ಬೆಲೆಯಿಲ್ಲ.

ಸ್ವಂತ ಚಿತ್ರದಿಂದಲೇ ಜೀವನ ಸಾಗುವುದು ಅಪರೂಪ. ಇತರರ ಚಿತ್ರಗಳಿಗೆ ಸಂಕಲನ, ಸಂಸ್ಥೆಗಳಿಗೆ ಕಿರುಚಿತ್ರ, ಬೋಧನೆ ಇವುಗಳಿಂದ ಖರ್ಚು ತೂಗಿಸುತ್ತ, ನಿಮ್ಮದೇ ವಿಷಯಕ್ಕೆ ವಾರದಲ್ಲಿ ಒಂದು ದಿನವನ್ನಾದರೂ ಮೀಸಲಿಡಿ. ಹಣ ಕೇಳಲು ಹೋಗುವಾಗ ಒಂದು ಪುಟದ ಸಾರಾಂಶ, ಕೆಲವು ನಿಮಿಷಗಳ ಮಾದರಿ ದೃಶ್ಯ, ಪ್ರಾಮಾಣಿಕ ಬಜೆಟ್ ಈ ಮೂರೂ ಕೈಯಲ್ಲಿರಬೇಕು. ಆಮ್‌ಸ್ಟರ್‌ಡಾಮ್‌ನಲ್ಲಿ 1988ರಲ್ಲಿ ಆರಂಭವಾದ ಇಡ್ಫಾದಂಥ ಸಾಕ್ಷ್ಯಚಿತ್ರ ಉತ್ಸವಗಳಲ್ಲಿ ಹಣ ಹೂಡುವವರ ಮುಂದೆ ಯೋಜನೆಯನ್ನು ಮಂಡಿಸಲು ಪ್ರತ್ಯೇಕ ವೇದಿಕೆಯೇ ಇದೆ. ಮುಗಿದ ಚಿತ್ರವನ್ನು ಅವಸರಪಟ್ಟು ಅಂತರ್ಜಾಲಕ್ಕೆ ಏರಿಸಬೇಡಿ. ಮೊದಲ ಪ್ರದರ್ಶನ ತಮ್ಮಲ್ಲೇ ಆಗಬೇಕೆಂದು ಕೇಳುವ ಉತ್ಸವಗಳ ಬಾಗಿಲು ಅಲ್ಲಿಗೆ ಮುಚ್ಚಿಹೋಗುತ್ತದೆ.