ಗೇಮ್ ಅಪ್‌ಡೇಟ್: ರಾತ್ರಿ ಸ್ವಿಚ್ ಆರಿಸದಿದ್ದರೆ ಅರ್ಧ ಕೆಲಸ ಮುಗಿಯಿತು

ಭಾನುವಾರ ಮಧ್ಯಾಹ್ನ ಊಟ ಮುಗಿಸಿ, ನೆಂಟರ ಮಕ್ಕಳನ್ನೆಲ್ಲ ಕೂರಿಸಿಕೊಂಡು ಪಿಎಸ್5 (ಟಿವಿಗೆ ಜೋಡಿಸಿ ಆಡುವ ಸೋನಿಯ ಗೇಮ್ ಕನ್ಸೋಲ್, ಪ್ಲೇಸ್ಟೇಷನ್ 5) ಆನ್ ಮಾಡುತ್ತೀರಿ. ಗೇಮ್ ತೆರೆಯುವುದಿಲ್ಲ. ಅಪ್‌ಡೇಟ್ ಬೇಕಂತೆ, 38 ಜಿಬಿ. ಮನೆಯಲ್ಲಿರುವುದು 40 ಎಂಬಿಪಿಎಸ್ ಲೈನ್. ಅದು ಪೂರ್ತಿ ಸಿಕ್ಕರೂ ಗಂಟೆಗೆ ಇಳಿಯುವುದು 18 ಜಿಬಿ. ಒಳಗಿನ ಕೋಣೆಯಲ್ಲಿ ಯಾರೋ ಮೊಬೈಲಲ್ಲಿ ಕ್ರಿಕೆಟ್ ನೋಡುತ್ತಿದ್ದರೆ ಅದೂ ಇಲ್ಲ. ಎರಡು ಗಂಟೆ ಕಾದ ಮೇಲೆ ಮಕ್ಕಳು ಕೇರಂ ಬೋರ್ಡ್ ಹುಡುಕಿಕೊಂಡು ಹೋಗಿರುತ್ತಾರೆ.

ಇಂಥ ಮನೆಗಳಲ್ಲಿ ದೂರು ಯಾವಾಗಲೂ ಇಂಟರ್ನೆಟ್ ಮೇಲೆ. ನಾನು ನೋಡಿದ ಬಹುತೇಕ ಮನೆಗಳಲ್ಲಿ ನಿಜವಾದ ತಕರಾರು ಗೋಡೆಯ ಸ್ವಿಚ್ ಬೋರ್ಡಿನಲ್ಲಿತ್ತು. ಅಪ್‌ಡೇಟ್ ನೀವು ಆಡಲು ಕೂತಾಗ ಮಾಡುವ ಕೆಲಸವಲ್ಲ, ನೀವು ಮಲಗಿದಾಗ ಕನ್ಸೋಲ್ ತಾನೇ ಮಾಡಿಕೊಳ್ಳುವ ಕೆಲಸ. ಅದಕ್ಕೆ ಅವಕಾಶ ಕೊಡಬೇಕು, ಅಷ್ಟೆ. ಇಲ್ಲಿ ಪಿಎಸ್5 ಅನ್ನೇ ಇಟ್ಟುಕೊಂಡು ಹೇಳುತ್ತೇನೆ. ಎಕ್ಸ್‌ಬಾಕ್ಸ್, ನಿಂಟೆಂಡೊ ಸ್ವಿಚ್ ಎಂಬ ಬೇರೆ ಕನ್ಸೋಲ್ ಇರುವವರಿಗೆ ಕೊನೆಯಲ್ಲಿ ಒಂದೆರಡು ಮಾತಿದೆ.

ಹೆಜ್ಜೆ 1: ರೆಸ್ಟ್ ಮೋಡ್ ಸರಿಮಾಡಿ

ಇದೊಂದು ಹೆಜ್ಜೆ ಸರಿಹೋದರೆ ಉಳಿದದ್ದರ ಮುಕ್ಕಾಲು ಭಾಗ ತಾನಾಗಿ ಆಗುತ್ತದೆ. ಹಾಗಾಗಿ ನಿಧಾನವಾಗಿ ಓದಿ.

ಪಿಎಸ್5ಗೆ ಮೂರು ಸ್ಥಿತಿ. ಆಡುವಾಗ ಬಿಳಿ ದೀಪ. ಪೂರ್ತಿ ಆಫ್ ಆದರೆ ದೀಪವೇ ಇಲ್ಲ. ಇವೆರಡರ ನಡುವಿನದು ರೆಸ್ಟ್ ಮೋಡ್, ಕಿತ್ತಳೆ ಬಣ್ಣದ ದೀಪ. ಕನ್ಸೋಲಿನ ಪವರ್ ಬಟನ್ ಒಮ್ಮೆ ಒತ್ತಿ ಬಿಟ್ಟರೆ ಹೋಗುವುದು ಈ ರೆಸ್ಟ್ ಮೋಡಿಗೆ. ಎರಡು ಸಲ ಬೀಪ್ ಅನ್ನುವ ತನಕ ಒತ್ತಿ ಹಿಡಿದರೆ ಪೂರ್ತಿ ಆಫ್. ಪೂರ್ತಿ ಆಫ್ ಆದ ಕನ್ಸೋಲ್ ಒಂದು ಕೆಬಿಯನ್ನೂ ಇಳಿಸಿಕೊಳ್ಳುವುದಿಲ್ಲ.

ಸೆಟ್ಟಿಂಗ್ಸ್‌ಗೆ ಹೋಗಿ. ಸಿಸ್ಟಮ್, ಅಲ್ಲಿಂದ ಪವರ್ ಸೇವಿಂಗ್, ಅದರೊಳಗೆ 'ಫೀಚರ್ಸ್ ಅವೈಲಬಲ್ ಇನ್ ರೆಸ್ಟ್ ಮೋಡ್'. ಅಲ್ಲಿ 'ಸ್ಟೇ ಕನೆಕ್ಟೆಡ್ ಟು ದ ಇಂಟರ್ನೆಟ್' ಆನ್ ಇರಬೇಕು. ಹೊಸ ಕನ್ಸೋಲ್ ಬಿಚ್ಚಿದ ದಿನ ಅದು ಕೇಳುವ ಪ್ರಶ್ನೆಗಳಿಗೆ ಅವಸರದಲ್ಲಿ ಕಡಿಮೆ ವಿದ್ಯುತ್ ಆಯ್ಕೆ ಒತ್ತಿದವರ ಮನೆಯಲ್ಲಿ ಇದು ಆಫ್ ಆಗಿಯೇ ಕೂತಿರುತ್ತದೆ. ಆಮೇಲೆ ಯಾರೂ ಅತ್ತ ತಿರುಗಿ ನೋಡಿರುವುದಿಲ್ಲ.

ಇನ್ನು ಮನೆಯ ವಿಷಯ. ರಾತ್ರಿ ಹತ್ತೂವರೆಗೆ ಗ್ಯಾಸ್ ನೋಡಿ, ಬಾಗಿಲ ಚಿಲಕ ನೋಡಿ, ಟಿವಿ ಕೆಳಗಿನ ಸ್ವಿಚ್ಚುಗಳನ್ನು ಟಕಟಕ ಅಂತ ಆರಿಸಿ ಮಲಗುವ ಹಿರಿಯರೊಬ್ಬರು ಪ್ರತಿ ಮನೆಯಲ್ಲೂ ಇರುತ್ತಾರೆ. ಅವರ ಪ್ರಕಾರ ಕಿತ್ತಳೆ ದೀಪ ಅಂದರೆ ದಂಡದ ಕರೆಂಟು. "ಬಿಲ್ಲು ನೀನು ಕಟ್ತೀಯೇನೋ?" ಅನ್ನುವ ಪ್ರಶ್ನೆಗೆ ಉತ್ತರ ಇಟ್ಟುಕೊಂಡಿರಿ: ನೆಟ್‌ಗೆ ಅಂಟಿಕೊಂಡು ಸುಮ್ಮನೆ ಕೂತ ಪಿಎಸ್5 ಎಳೆಯುವುದು ದೇವರ ಕೋಣೆಯ 9 ವ್ಯಾಟ್ ಎಲ್‌ಇಡಿ ಬಲ್ಬಿಗಿಂತ ಕಡಿಮೆ. ಡೌನ್‌ಲೋಡ್ ನಡೆಯುವಾಗ ಏರುತ್ತದೆ, ಮುಗಿದ ಮೇಲೆ ಇಳಿಯುತ್ತದೆ. ವಾದದಲ್ಲಿ ಗೆಲ್ಲಲಾಗದಿದ್ದರೆ ಆ ಸ್ವಿಚ್ಚಿನ ಮೇಲೆ ಸೆಲ್ಲೋಟೇಪ್ ಹಚ್ಚಿ. ನನ್ನ ಅನುಭವದಲ್ಲಿ ವಾದಕ್ಕಿಂತ ಟೇಪೇ ವಾಸಿ.

ಕಿತ್ತಳೆ ದೀಪ ಉರಿಯುವಾಗ ಸ್ವಿಚ್ ಆರಿಸಿದರೆ ಅಪ್‌ಡೇಟ್ ನಿಲ್ಲುವುದಷ್ಟೇ ಅಲ್ಲ, ಬರೆಯುತ್ತಿದ್ದ ಫೈಲ್ ಅರ್ಧಕ್ಕೆ ತುಂಡಾಗುತ್ತದೆ. ಮರುದಿನ ಆನ್ ಮಾಡಿದರೆ ಸರಿಯಾಗಿ ಆಫ್ ಆಗಿಲ್ಲವೆಂದು ಬೈದು, ಸ್ಟೋರೇಜ್ ತಪಾಸಣೆಗೆ ಇಳಿಯುತ್ತದೆ. ಒಂದೆರಡು ಸಲ ಏನೂ ಆಗದಿರಬಹುದು. ಅದನ್ನೇ ಅಭ್ಯಾಸ ಮಾಡಿಕೊಳ್ಳಬೇಡಿ.

ಕರೆಂಟ್ ಹೋಗುವ ಊರಿನವರು ಇನ್ನೊಂದಿಷ್ಟು ಗಮನಿಸಬೇಕು. ಕರೆಂಟ್ ಬಂದ ಕೂಡಲೇ ಪಿಎಸ್5 ತಾನಾಗಿ ಎದ್ದು ಕೂರುವುದಿಲ್ಲ. ರಾತ್ರಿ ಒಂದು ಗಂಟೆಗೆ ಎರಡು ನಿಮಿಷ ಹೋಗಿ ಬಂದರೂ ಬೆಳಗಿನವರೆಗೆ ಅದು ಆಫ್. ಆದ್ದರಿಂದ ಕನ್ಸೋಲನ್ನು ಇನ್ವರ್ಟರ್ ಲೈನಿಗೆ ಕೊಡಿ. ರೂಟರನ್ನೂ ಕೊಡಿ, ಕನ್ಸೋಲ್ ಎಚ್ಚರವಿದ್ದು ರೂಟರ್ ಸತ್ತಿದ್ದರೆ ಏನು ಬಂತು? ಇನ್ವರ್ಟರಿನ ಮೇಲೆ ಯುಪಿಎಸ್, ಇಕೋ ಎಂಬ ಎರಡು ಸ್ಥಾನಗಳ ಚಿಕ್ಕ ಸ್ವಿಚ್ ಇದ್ದರೆ ಅದು ಯುಪಿಎಸ್ ಕಡೆಗಿರಲಿ. ಇಕೋ ಕಡೆಗಿದ್ದರೆ ಕರೆಂಟಿನಿಂದ ಬ್ಯಾಟರಿಗೆ ಬದಲಾಗುವ ಆ ಕ್ಷಣ ಉದ್ದವಾಗುತ್ತದೆ. ಫ್ಯಾನಿಗೆ ಗೊತ್ತೂ ಆಗುವುದಿಲ್ಲ, ಕನ್ಸೋಲ್ ಮಾತ್ರ ಆಫ್ ಆಗುತ್ತದೆ. ಹಳೆಯ ಸ್ಕ್ವೇರ್ ವೇವ್ ಇನ್ವರ್ಟರಿಗೆ ನಾನಂತೂ ಕನ್ಸೋಲ್ ಕೊಡುವುದಿಲ್ಲ, ಮನೆಯ ಕರೆಂಟಿನಂಥದ್ದನ್ನೇ ಕೊಡುವ ಸೈನ್ ವೇವ್ ಇದ್ದರಷ್ಟೇ.

ಕೊನೆಯದಾಗಿ, ರೆಸ್ಟ್ ಮೋಡಿಗೆ ಕಳಿಸುವ ಮುಂಚೆ ಗೇಮನ್ನು ಕ್ಲೋಸ್ ಮಾಡಿ. ಅರ್ಧ ಆಡಿದ ಗೇಮ್ ಹಿಂದೆ ತೆರೆದೇ ಇದ್ದರೆ ಅದರ ಅಪ್‌ಡೇಟ್ ಇಳಿದು ಕೂತಿರುತ್ತದೆ, ಇನ್‌ಸ್ಟಾಲ್ ಆಗಿರುವುದಿಲ್ಲ.

ಹೆಜ್ಜೆ 2: ಆಟೊಮ್ಯಾಟಿಕ್ ಅಪ್‌ಡೇಟ್

ಸೆಟ್ಟಿಂಗ್ಸ್‌ನಲ್ಲಿ 'ಸೇವ್ಡ್ ಡೇಟಾ ಅಂಡ್ ಗೇಮ್/ಆ್ಯಪ್ ಸೆಟ್ಟಿಂಗ್ಸ್', ಅದರೊಳಗೆ ಆಟೊಮ್ಯಾಟಿಕ್ ಅಪ್‌ಡೇಟ್ಸ್. ಅಲ್ಲಿರುವ ಎರಡನ್ನೂ, ಆಟೊ ಡೌನ್‌ಲೋಡ್ ಮತ್ತು ರೆಸ್ಟ್ ಮೋಡಿನಲ್ಲಿ ಆಟೊ ಇನ್‌ಸ್ಟಾಲ್, ಆನ್ ಮಾಡಿ. ಮುಗಿಯಿತು.

ಮೊಬೈಲ್ ಹಾಟ್‌ಸ್ಪಾಟ್‌ನಲ್ಲಿ ನಡೆಸುವವರು ಮಾತ್ರ ಇದನ್ನು ಆಫ್ ಇಡಿ. ದಿನಕ್ಕೆ 2 ಜಿಬಿ ಪ್ಯಾಕನ್ನು ಬೆಳಗಿನ ಕಾಫಿಗೆ ಮುಂಚೆಯೇ ಮುಗಿಸಿರುತ್ತದೆ.

ಹೆಜ್ಜೆ 3: ಕೇಬಲ್

ರೂಟರಿನಿಂದ ಕನ್ಸೋಲಿಗೆ ಲ್ಯಾನ್ ಕೇಬಲ್ ಎಳೆಯಿರಿ. ವೈಫೈ ಸಾಕಲ್ಲವೇ ಅಂದರೆ, ರೂಟರ್ ಅದೇ ಕೋಣೆಯಲ್ಲಿದ್ದು 5 ಗಿಗಾಹರ್ಟ್ಸ್ ಬ್ಯಾಂಡ್ ಸಿಗುತ್ತಿದ್ದರೆ ಸಾಕು. ನಡುವೆ ಎರಡು ಗೋಡೆ, ಒಂದು ಗಾಡ್ರೇಜ್ ಬೀರು ಇದ್ದರೆ ಸಾಲದು.

ಕೇಬಲ್ ಕೊಳ್ಳುವಾಗ ಕ್ಯಾಟ್ 6 ಅಥವಾ ಕನಿಷ್ಠ ಕ್ಯಾಟ್ 5ಇ ಅಂತ ಬಾಯಿಬಿಟ್ಟು ಕೇಳಿ. ಬೆಂಗಳೂರಿನ ಎಸ್.ಪಿ. ರಸ್ತೆಯಿಂದ ಹಿಡಿದು ತಾಲ್ಲೂಕಿನ ಮೊಬೈಲ್ ಅಂಗಡಿಯವರೆಗೆ ಸಿಗುವ ಅಗ್ಗದ ಕೆಲವು ಕೇಬಲ್‌ಗಳ ಒಳಗೆ ಎಂಟರ ಬದಲು ನಾಲ್ಕೇ ತಂತಿ ಇರುತ್ತದೆ. ಅದರಲ್ಲಿ 100 ಎಂಬಿಪಿಎಸ್‌ಗಿಂತ ಹೆಚ್ಚು ಹರಿಯುವುದಿಲ್ಲ. ನೀವು 300 ಎಂಬಿಪಿಎಸ್ ಪ್ಲಾನಿಗೆ ದುಡ್ಡು ಕಟ್ಟುತ್ತಲೇ ಇರುತ್ತೀರಿ. ತುದಿಯ ಪಾರದರ್ಶಕ ಪ್ಲಗ್ಗನ್ನು ಬೆಳಕಿಗೆ ಹಿಡಿದು ತಂತಿಗಳನ್ನು ಎಣಿಸಿ. ಎಂಟಿಲ್ಲದಿದ್ದರೆ ವಾಪಸ್ ಕೊಡಿ.

ಡಿಎನ್‌ಎಸ್ (ವೆಬ್‌ಸೈಟಿನ ಹೆಸರಿಗೆ ವಿಳಾಸ ಹುಡುಕಿಕೊಡುವ ವ್ಯವಸ್ಥೆ) ಬದಲಿಸಿದರೆ ವೇಗ ಹತ್ತು ಪಟ್ಟು ಅನ್ನುವ ವಿಡಿಯೊಗಳನ್ನು ನಂಬಿ ರಾತ್ರಿ ಕಳೆಯಬೇಡಿ. ಇರುವ ಲೈನನ್ನು ಅದು ಅಗಲ ಮಾಡುವುದಿಲ್ಲ. ಇನ್ನೂ ಪಿಎಸ್4 ಇಟ್ಟುಕೊಂಡಿರುವವರಿಗೆ ನಿಜವಾಗಿ ಕೆಲಸ ಮಾಡುವ ಒಂದು ಉಪಾಯ: ಡೌನ್‌ಲೋಡ್ ಆಗುವಾಗ ಬೇರೆ ಗೇಮ್ ತೆರೆದಿಡಬೇಡಿ. ಗೇಮ್ ಓಡುತ್ತಿದ್ದರೆ ಅದು ಡೌನ್‌ಲೋಡನ್ನು ತಾನೇ ಹಿಂದಕ್ಕೆ ಹಿಡಿಯುತ್ತದೆ.

ಹೆಜ್ಜೆ 4: ಜಾಗ

ಮೊದಲ ಪಿಎಸ್5ರ ಡಬ್ಬದ ಮೇಲೆ 825 ಜಿಬಿ ಎಂದಿದ್ದರೂ ಗೇಮಿಗೆ ಸಿಗುವುದು ಸುಮಾರು 667. 'ಕಾಲ್ ಆಫ್ ಡ್ಯೂಟಿ'ಯಂಥದ್ದು ಒಂದೇ 150 ಜಿಬಿ ದಾಟುತ್ತದೆ. ಜಾಗ ತುಂಬಿದರೆ ಅಪ್‌ಡೇಟ್ ರಾತ್ರಿಯೆಲ್ಲ ಸುಮ್ಮನೆ ನಿಂತಿರುತ್ತದೆ, ಬೆಳಿಗ್ಗೆ ನಿಮಗೆ ಸಿಗುವುದು ಒಂದು ಎರರ್. ಯಾವಾಗಲೂ 100 ಜಿಬಿ ಖಾಲಿ ಬಿಡಿ. ಪಿಎಸ್4ನಲ್ಲಿ ಇನ್ನೂ ಕಷ್ಟ: ಚಿಕ್ಕ ಅಪ್‌ಡೇಟಿಗೂ ಅದು ಇಡೀ ಗೇಮನ್ನು ನಕಲು ಮಾಡಿಕೊಳ್ಳುತ್ತದೆ, ಹಾಗಾಗಿ ಹೆಚ್ಚುಕಡಿಮೆ ಗೇಮಿನಷ್ಟೇ ಜಾಗ ಖಾಲಿ ಕೇಳುತ್ತದೆ. 'ಕಾಪಿಯಿಂಗ್' ಅಂತ ಗಂಟೆಗಟ್ಟಲೆ ತೋರಿಸುವುದು ಇದಕ್ಕೇ. ಕೆಟ್ಟಿದೆ ಅಂದುಕೊಂಡು ಪ್ಲಗ್ ಕೀಳಬೇಡಿ.

ಜಾಗಕ್ಕಾಗಿ ಗೇಮ್ ಅಳಿಸಲು ಹೆದರುವವರು ಬಹಳ. ಗೇಮ್ ಅಳಿಸಿದರೆ ಸೇವ್ (ಆಟದಲ್ಲಿ ಎಲ್ಲಿಯವರೆಗೆ ಬಂದಿದ್ದೀರಿ ಎಂಬ ದಾಖಲೆ) ಹೋಗುವುದಿಲ್ಲ, ಅದು ಬೇರೆ ಕಡೆ ಇರುತ್ತದೆ. ಆದರೆ ಪಿಎಸ್5 ಗೇಮುಗಳ ಸೇವ್ ಅನ್ನು ಪೆನ್‌ಡ್ರೈವಿಗೆ ಹಾಕಿಕೊಳ್ಳಲು ಬರುವುದಿಲ್ಲ. ಸೋನಿಯ ಪಿಎಸ್ ಪ್ಲಸ್ ಚಂದಾ ಇದ್ದವರಿಗೆ ಸೇವ್ ಇಡಲು ಕ್ಲೌಡ್ ಇದೆ, ಇಲ್ಲದವರಿಗೆ ಕನ್ಸೋಲಿನಲ್ಲಿರುವುದೇ ಎಲ್ಲ. ಪೂರ್ತಿ ಅಳಿಸುವ ಮೊದಲು ಗೇಮಿನ ಮೇಲೆ ನಿಂತು ಆಪ್ಷನ್ಸ್ ಬಟನ್ ಒತ್ತಿ 'ಮ್ಯಾನೇಜ್ ಗೇಮ್ ಕಂಟೆಂಟ್' ನೋಡಿ. ಮುಗಿಸಿದ ಕ್ಯಾಂಪೇನನ್ನಷ್ಟೇ (ಗೇಮಿನ ಕಥೆಯ ಭಾಗ) ತೆಗೆಯಲು ಕೆಲವು ಗೇಮುಗಳು ಬಿಡುತ್ತವೆ.

ಯುಎಸ್‌ಬಿ ಹಾರ್ಡ್ ಡಿಸ್ಕ್ ಕೊಳ್ಳಲು ಹೊರಟವರಿಗೆ: ಪಿಎಸ್4 ಗೇಮುಗಳು ಅದರಿಂದಲೇ ಓಡುತ್ತವೆ. ಪಿಎಸ್5 ಗೇಮುಗಳನ್ನು ಅದರಲ್ಲಿ ಇಡಬಹುದು, ಆಡಲಾಗದು. ಆಡಲು ಬೇಕಾದ್ದು ಒಳಗೆ ಕೂರಿಸುವ ಎಂ.2 ಎಸ್‌ಎಸ್‌ಡಿ, ಅಂದರೆ ಚಿಕ್ಕ ಪಟ್ಟಿಯಂಥ ವೇಗದ ಸ್ಟೋರೇಜ್, ಅದೂ ಜೆನ್ 4 (ನಾಲ್ಕನೇ ಪೀಳಿಗೆಯದು), ಬಿಸಿ ಹೊರಹಾಕುವ ಹೀಟ್‌ಸಿಂಕ್ ಸಮೇತ. ಸೋನಿಯ ಶಿಫಾರಸು ಸೆಕೆಂಡಿಗೆ 5500 ಎಂಬಿ ವೇಗ. ಕಡಿಮೆ ಬೆಲೆಗೆ ಜೆನ್ 3 ಕೊಟ್ಟು "ಎಲ್ಲಾ ಒಂದೇ ಸಾರ್" ಅನ್ನುವ ಅಂಗಡಿಯಿಂದ ಎದ್ದು ಬನ್ನಿ.

ಹೆಜ್ಜೆ 5: ಡಿಸ್ಕ್ ಗೇಮು

ಡಿಸ್ಕಿನಲ್ಲಿರುವುದು ಅದು ಅಚ್ಚಾದ ದಿನದ ಆವೃತ್ತಿ. 'ಸೈಬರ್‌ಪಂಕ್ 2077' 2020ರ ಡಿಸೆಂಬರ್ 10ರಂದು ಬಂದಾಗ ಎಷ್ಟು ಕೆಟ್ಟಿತ್ತೆಂದರೆ ಎಂಟೇ ದಿನದಲ್ಲಿ, ಡಿಸೆಂಬರ್ 18ಕ್ಕೆ, ಸೋನಿ ಅದನ್ನು ತನ್ನ ಸ್ಟೋರಿನಿಂದಲೇ ತೆಗೆಯಿತು. ಮತ್ತೆ ಇಟ್ಟದ್ದು 2021ರ ಜೂನ್‌ನಲ್ಲಿ. ಆ ಮೊದಲ ಕಂತಿನ ಡಿಸ್ಕನ್ನು ಇವತ್ತು ಸೆಕೆಂಡ್ ಹ್ಯಾಂಡ್ ಕೊಂಡು ನೆಟ್ ಇಲ್ಲದೆ ಹಾಕಿದರೆ ಅದೇ ಕೆಟ್ಟ ಗೇಮ್ ಬರುತ್ತದೆ. ಡಿಸ್ಕ್ ಹಾಕಿ, ಗೇಮಿನ ಮೇಲೆ ನಿಂತು ಆಪ್ಷನ್ಸ್ ಒತ್ತಿ, 'ಚೆಕ್ ಫಾರ್ ಅಪ್‌ಡೇಟ್' ಕೊಟ್ಟು, ಅದು ಮುಗಿದ ಮೇಲೆಯೇ ಹೊಸ ಆಟ ಶುರುಮಾಡಿ.

ಇದರ ಜೊತೆಗೇ ಒಂದು ಎಚ್ಚರಿಕೆ. ಅರ್ಧ ಬೆಲೆಗೆ 'ಅಕೌಂಟ್' ರೂಪದಲ್ಲಿ, ಅಂದರೆ ತಮ್ಮ ಅಕೌಂಟಿನ ಪಾಸ್‌ವರ್ಡ್ ಕೊಟ್ಟು, ಗೇಮ್ ಮಾರುವವರಿದ್ದಾರೆ. ಅಪ್‌ಡೇಟ್ ಚೆನ್ನಾಗಿಯೇ ಇಳಿಯುತ್ತದೆ, ಒಂದು ದಿನ ಗೇಮಿನ ಮೇಲೆ ಬೀಗದ ಗುರುತು ಬರುತ್ತದೆ. ನಿಮ್ಮದೇ ಅಕೌಂಟಿನಲ್ಲಿ ಕೊಂಡ ಗೇಮಿಗೆ ಬೀಗ ಬಿದ್ದರೆ 'ರಿಸ್ಟೋರ್ ಲೈಸೆನ್ಸಸ್' ಒತ್ತಿದರೆ ಸಾಮಾನ್ಯವಾಗಿ ಸರಿಹೋಗುತ್ತದೆ. ಇನ್ನೊಬ್ಬರ ಅಕೌಂಟಿನದಾದರೆ, ಪಾಸ್‌ವರ್ಡ್ ಬದಲಿಸಿ ಫೋನ್ ಎತ್ತದ ಆಸಾಮಿಯನ್ನು ಹುಡುಕಿಕೊಂಡು ಹೋಗಬೇಕು.

ಹೆಜ್ಜೆ 6: ಸಿಸ್ಟಮ್ ಸಾಫ್ಟ್‌ವೇರ್

ಗೇಮ್ ಅಪ್‌ಡೇಟ್ ಬೇರೆ, ಕನ್ಸೋಲಿನ ಸಾಫ್ಟ್‌ವೇರ್ ಅಪ್‌ಡೇಟ್ ಬೇರೆ. ನೆಟ್ ಸರಿಯಿದ್ದರೆ ಸಿಸ್ಟಮ್ ಒಳಗಿನ 'ಸಿಸ್ಟಮ್ ಸಾಫ್ಟ್‌ವೇರ್'ಗೆ ಹೋಗಿ ಒತ್ತಿದರೆ ಆಯಿತು. ಅದು ಪದೇ ಪದೇ ಕೈಕೊಟ್ಟಾಗ ಪೆನ್‌ಡ್ರೈವ್ ದಾರಿ ಹಿಡಿಯಬೇಕು. ಜನ ಎಡವುವುದು ಇಲ್ಲಿಯೇ.

ಪೆನ್‌ಡ್ರೈವ್ ಫ್ಯಾಟ್32 ಅಥವಾ ಎಕ್ಸ್‌ಫ್ಯಾಟ್‌ನಲ್ಲಿ (ಪೆನ್‌ಡ್ರೈವಿನಲ್ಲಿ ಫೈಲ್ ಜೋಡಿಸಿಡುವ ಬಗೆಗಳು) ಫಾರ್ಮ್ಯಾಟ್ ಆಗಿರಲಿ, ಎನ್‌ಟಿಎಫ್‌ಎಸ್ ನಡೆಯುವುದಿಲ್ಲ. ಅದರಲ್ಲಿ 'ಪಿಎಸ್5' ಎಂಬ ಫೋಲ್ಡರ್, ಅದರೊಳಗೆ 'ಅಪ್‌ಡೇಟ್' ಎಂಬ ಫೋಲ್ಡರ್, ಎರಡೂ ಇಂಗ್ಲಿಷ್ ದೊಡ್ಡಕ್ಷರಗಳಲ್ಲಿ. ಫೈಲನ್ನು ಪ್ಲೇಸ್ಟೇಷನ್ ವೆಬ್‌ಸೈಟಿನಿಂದಲೇ ಇಳಿಸಿ ಒಳಗಿನ ಫೋಲ್ಡರಿಗೆ ಹಾಕಿ. ಈಗ ಫೈಲಿನ ಹೆಸರನ್ನು ಕಣ್ಣಿಟ್ಟು ನೋಡಿ. ಮೊದಲ ಸಲ ಅರ್ಧಕ್ಕೆ ನಿಂತು ಎರಡನೆಯ ಸಲ ಇಳಿಸಿದ್ದರೆ ಬ್ರೌಸರ್ ಹೆಸರಿನ ಕೊನೆಗೆ ಆವರಣದಲ್ಲಿ 1 ಎಂದು ಸೇರಿಸಿರುತ್ತದೆ. ಆ 1 ಇದ್ದರೆ ಕನ್ಸೋಲ್ 'ಫೈಲ್ ಸಿಗಲಿಲ್ಲ' ಅನ್ನುತ್ತದೆ, ಜನ ಪೆನ್‌ಡ್ರೈವನ್ನು ಬೈಯುತ್ತಾರೆ.

ಅದೇ ಸೈಟಿನಲ್ಲಿ ಅಪ್‌ಡೇಟಿಗೊಂದು, ರೀಇನ್‌ಸ್ಟಾಲ್‌ಗೊಂದು ಅಂತ ಎರಡು ಫೈಲ್‌ಗಳಿರುತ್ತವೆ. ನಿಮಗೆ ಬೇಕಾದ್ದು ಮೊದಲನೆಯದು. ರೀಇನ್‌ಸ್ಟಾಲ್ ಮಾಡಿದರೆ ಸೇವ್ ಸಮೇತ ಎಲ್ಲ ಸಾಫ್.

ಕನ್ಸೋಲನ್ನು ಪೂರ್ತಿ ಆಫ್ ಮಾಡಿ, ಪೆನ್‌ಡ್ರೈವ್ ಸಿಕ್ಕಿಸಿ, ಪವರ್ ಬಟನ್ ಒತ್ತಿ ಹಿಡಿಯಿರಿ. ಮೊದಲ ಬೀಪಿಗೆ ಕೈ ಬಿಡಬೇಡಿ, ಸುಮಾರು ಏಳು ಸೆಕೆಂಡಿಗೆ ಬರುವ ಎರಡನೆಯ ಬೀಪಿಗೆ ಬಿಡಿ. ಸೇಫ್ ಮೋಡ್, ಅಂದರೆ ದುರಸ್ತಿಯ ಮೆನು, ಬರುತ್ತದೆ. ಇಲ್ಲಿ ಕಂಟ್ರೋಲರನ್ನು ಕೇಬಲ್ಲಿನಲ್ಲೇ ಜೋಡಿಸಬೇಕು. ಬರೀ ಚಾರ್ಜ್ ಮಾಡುವ ಅಗ್ಗದ ಕೇಬಲ್ ಆಗದು, ಡೇಟಾ ಹೋಗುವಂಥದ್ದು ಬೇಕು. ಪಿಎಸ್ ಬಟನ್ ಒತ್ತಿ, 'ಅಪ್‌ಡೇಟ್ ಸಿಸ್ಟಮ್ ಸಾಫ್ಟ್‌ವೇರ್' ಆರಿಸಿ, ಯುಎಸ್‌ಬಿ ಎನ್ನಿ. 'ರೀಸೆಟ್' ಎಂಬ ಪದ ಇರುವ ಯಾವ ಸಾಲನ್ನೂ ಮುಟ್ಟಬೇಡಿ.

ಎಕ್ಸ್‌ಬಾಕ್ಸ್, ಸ್ವಿಚ್

ಎಕ್ಸ್‌ಬಾಕ್ಸ್ ಸೀರೀಸ್ ಎಕ್ಸ್, ಎಸ್ ಎರಡೂ ಈ ವಿಷಯದಲ್ಲಿ ಜಾಣ: ವಿದ್ಯುತ್ ಉಳಿಸುವ ಶಟ್‌ಡೌನ್ ಮೋಡಿನಲ್ಲಿದ್ದರೂ ರಾತ್ರಿ ಅಪ್‌ಡೇಟ್ ಮಾಡಿಕೊಳ್ಳುತ್ತವೆ. ಗೋಡೆಯ ಸ್ವಿಚ್ ಮಾತ್ರ ಆನ್ ಇರಬೇಕು. ನಿಂಟೆಂಡೊ ಸ್ವಿಚ್‌ನಲ್ಲಿ ಸಿಸ್ಟಮ್ ಸೆಟ್ಟಿಂಗ್ಸ್‌ನ 'ಆಟೊ ಅಪ್‌ಡೇಟ್ ಸಾಫ್ಟ್‌ವೇರ್' ಆನ್ ಮಾಡಿ. ನೆಟ್ ನಿಧಾನವಿದ್ದು, ಪಕ್ಕದಲ್ಲೇ ಅದೇ ಗೇಮಿನ ಹೊಸ ಆವೃತ್ತಿ ಇರುವ ಗೆಳೆಯರಿದ್ದರೆ ಇನ್ನೂ ಸುಲಭ. ಗೇಮಿನ ಮೇಲೆ ನಿಂತು ಪ್ಲಸ್ ಬಟನ್ ಒತ್ತಿ, ಸಾಫ್ಟ್‌ವೇರ್ ಅಪ್‌ಡೇಟ್ ಒಳಗೆ 'ಮ್ಯಾಚ್ ವರ್ಷನ್ ವಿತ್ ಲೋಕಲ್ ಯೂಸರ್ಸ್' ಆರಿಸಿದರೆ ಅವರ ಸ್ವಿಚ್‌ನಿಂದಲೇ ನಿಮ್ಮದಕ್ಕೆ ಅಪ್‌ಡೇಟ್ ಬರುತ್ತದೆ, ಇಂಟರ್ನೆಟ್ ಬೇಕಾಗುವುದಿಲ್ಲ.