ಬೆಳಕಿನ ಹಲಗೆ, ಬದಲಾವಣೆಯ ಹಲಗೆ: ಮಂಡ್ಯದ ಬಾಡಿಗೆ ಪುಸ್ತಕದಂಗಡಿಯಲ್ಲಿ ನನ್ನ ಅನುಭವ

ಪುಸ್ತಕಗಳನ್ನು ಕಾದಂಬರಿ, ಕವಿತೆ, ವಿಜ್ಞಾನ ಎಂಬ ಬೇಲಿಗಳಿಂದ ಬಿಡಿಸಿ, ಬೆಳಕು, ಬದಲಾವಣೆ ಎಂಬಂಥ ವಸ್ತುವಿಗೆ ತಕ್ಕಂತೆ ಹಲಗೆಗಳಲ್ಲಿ ಜೋಡಿಸುತ್ತೇನೆಂದು ನಾನು ಹೇಳಿದಾಗ, ಮೈಸೂರಿನಲ್ಲಿ ಇದೇ ಕಸುಬು ಮಾಡುವ ಇಬ್ಬರು ಗೆಳೆಯರು ಮುಖಕ್ಕೆ ಮುಖ ಕೊಟ್ಟು ನಕ್ಕರು. ಅವರಲ್ಲೊಬ್ಬರು, "ಸ್ವಾಮಿ, ಬಾಡಿಗೆಗೆ ಹೋಗುವುದು ಪತ್ತೇದಾರಿ ಮತ್ತು ಸಾಂಸಾರಿಕ ಕಾದಂಬರಿ. ಬೆಳಕು, ಬದಲಾವಣೆ ಎಂದು ಫಲಕ ತೂಗುಹಾಕಿದರೆ ಜನ ಆಶ್ರಮವೆಂದು ತಿಳಿದು ಚಪ್ಪಲಿ ಹೊರಗೆ ಬಿಟ್ಟು ಬರುತ್ತಾರೆ, ಕೈಮುಗಿದು ಹೋಗುತ್ತಾರೆ, ದುಡ್ಡು ಮಾತ್ರ ಬಿಚ್ಚುವುದಿಲ್ಲ" ಎಂದರು. ಮೊದಲ ಎಂಟು ತಿಂಗಳು ಅವರ ಮಾತೇ ನಿಜವಾಯಿತು. ಈಗ ನಾಲ್ಕನೆಯ ವರ್ಷ ನಡೆಯುತ್ತಿದೆ, ಮತ್ತು ಕಳೆದ ದಸರೆಯ ಹೊತ್ತಿಗೆ ಅದೇ ಗೆಳೆಯರು ಬಂದು ಹಲಗೆಗಳ ಫೋಟೊ ತೆಗೆದುಕೊಂಡು ಹೋದರೆಂಬುದನ್ನು ಇಲ್ಲಿ ಬರೆಯದೆ ಇರಲಾರೆ.

ನನ್ನ ಅಂಗಡಿ ಮಂಡ್ಯದ ನೂರಡಿ ರಸ್ತೆಯಿಂದ ಒಳಕ್ಕೆ ತಿರುಗುವ ಒಂದು ಅಡ್ಡರಸ್ತೆಯಲ್ಲಿದೆ. ಒಳ್ಳೆಯ ಕಾಲದಲ್ಲಿ ಇನ್ನೂರ ಹತ್ತರಷ್ಟು ಸದಸ್ಯರಿದ್ದರು. ನಾನು ಈ ಪ್ರಯೋಗಕ್ಕೆ ಕೈಹಾಕುವ ಹೊತ್ತಿಗೆ ಅರವತ್ತು ಜನ ಉಳಿದಿದ್ದರು. ಠೇವಣಿ 300 ರೂಪಾಯಿ, ತಿಂಗಳ ಚಂದಾ 80, ಅಂಗಡಿಯ ಬಾಡಿಗೆ 6,500. ಲೆಕ್ಕ ನಿಮಗೇ ತಿಳಿಯುತ್ತದೆ: ಎಲ್ಲರೂ ಸರಿಯಾಗಿ ಕೊಟ್ಟರೂ ಬಾಡಿಗೆಗೇ ಸಾಲುತ್ತಿರಲಿಲ್ಲ. ಮುಚ್ಚುವುದೆಂದು ನಿಶ್ಚಯಿಸಿ ಹಳೆಯ ಪುಸ್ತಕದವರನ್ನು ಕರೆಸಿ ತೂಕದ ಬೆಲೆ ಕೇಳಿದ್ದೂ ಉಂಟು. ಅವರು ಹೇಳಿದ ದರ ಕೇಳಿದ ಮೇಲೆ, ಕಳೆದುಕೊಳ್ಳುವುದು ಹೇಗೂ ಇದ್ದೇ ಇದೆ, ಒಂದು ವರ್ಷ ನನ್ನ ಹುಚ್ಚಿನಂತೆ ನಡೆಸಿ ಕಳೆದುಕೊಳ್ಳೋಣವೆನ್ನಿಸಿತು.

ಗ್ರಂಥಾಲಯದಲ್ಲಿ ಕೆಲಸ ಮಾಡಿದವರಿಗೆ ಈ ತೊಡಕು ಗೊತ್ತಿರುತ್ತದೆ. ವಿಷಯಕ್ಕೊಂದು ಸಂಖ್ಯೆ ಕೊಟ್ಟು ಪುಸ್ತಕ ವಿಂಗಡಿಸುವ ಡ್ಯೂಯಿ ಪದ್ಧತಿಯಲ್ಲಿ ಬೆಳಕಿನ ಭೌತವಿಜ್ಞಾನ 535ಕ್ಕೆ ಹೋಗುತ್ತದೆ, ಛಾಯಾಗ್ರಹಣ 770ಕ್ಕೆ, ರೇಷ್ಮೆ ಹುಳು 638.2ಕ್ಕೆ, ನಮ್ಮ ಕನ್ನಡದ ಕವಿತೆ ಕಾದಂಬರಿಗಳೆಲ್ಲ 894.814ಕ್ಕೆ. ಹುಡುಕಿಕೊಂಡು ಬಂದವನಿಗೆ ಇದು ಅನುಕೂಲ, ಆದರೆ ಏನು ಬೇಕೆಂದು ತಿಳಿಯದೆ ಬಂದವನಿಗೆ ಏನೂ ಸಿಕ್ಕುವುದಿಲ್ಲ. ನನ್ನ ಸದಸ್ಯರಲ್ಲಿ ಹತ್ತಕ್ಕೆ ಎಂಟು ಜನ ಎರಡನೆಯ ಜಾತಿಯವರು. ಪ್ರತಿ ಓದುಗನಿಗೂ ಅವನ ಪುಸ್ತಕ, ಪ್ರತಿ ಪುಸ್ತಕಕ್ಕೂ ಅದರ ಓದುಗ ಎಂದು ಗ್ರಂಥಾಲಯ ವಿಜ್ಞಾನಿ ಎಸ್.ಆರ್. ರಂಗನಾಥನ್ ಅವರು 1931ರಲ್ಲಿ ಬರೆದಿಟ್ಟರು. ಮೊದಲರ್ಧವನ್ನು ನಾವೆಲ್ಲ ಮಾಡುತ್ತೇವೆ, ಎರಡನೆಯದನ್ನು ಮರೆಯುತ್ತೇವೆ.

ಈಗ ನಾನು ಎಡವಿದ ಕಥೆ. ಬೆಳಕು ಎಂಬ ಹಲಗೆಗೆ ಪುಸ್ತಕ ಆರಿಸಲು ಕುಳಿತಾಗ, ಬೆಳಕೆಂದರೆ ಜ್ಞಾನವೆಂಬ ನಮ್ಮ ಬಾಯಿಪಾಠದ ಅರ್ಥವನ್ನೇ ಹಿಡಿದೆ. ಆಗ ಯಾವ ಪುಸ್ತಕ ತಾನೇ ಬೆಳಕಿನದಲ್ಲ? ಮಹಾಪುರುಷರ ಜೀವನಚರಿತ್ರೆ, ವೇದಾಂತ, ವ್ಯಕ್ತಿತ್ವ ವಿಕಸನ, ಪರೀಕ್ಷೆಯಲ್ಲಿ ಗೆಲ್ಲುವ ಬಗೆ, ಎಲ್ಲವೂ ಬಂದು ಕುಳಿತವು. ಎರಡು ಸಾವಿರದ ನಾನೂರು ಪುಸ್ತಕಗಳಲ್ಲಿ ಸುಮಾರು ಮುನ್ನೂರು ಆ ಹಲಗೆಗೇ ಸೇರಿದವು. ಬದಲಾವಣೆಯ ಹಲಗೆ ಇನ್ನೂ ಕಷ್ಟವಾಯಿತು, ಏಕೆಂದರೆ ಏನೂ ಬದಲಾಗದ ಕಾದಂಬರಿಯನ್ನು ಯಾರೂ ಬರೆದಿಲ್ಲ. ಇದರ ಮೇಲೆ 9,000 ರೂಪಾಯಿ ಖರ್ಚು ಮಾಡಿ ಹಳದಿ ಸ್ಪಾಟ್‌ಲೈಟುಗಳನ್ನು ಹಾಕಿಸಿದೆ. ಹೊಳೆಯುವ ರಕ್ಷಾಪುಟಗಳ ಮೇಲೆ ಆ ಬೆಳಕು ಬಿದ್ದು ಶೀರ್ಷಿಕೆಯೇ ಕಾಣದಂತಾಯಿತು. ಮೂರು ತಿಂಗಳ ನಂತರ ಅವನ್ನು ಬಟ್ಟೆ ಅಂಗಡಿಯವರಿಗೆ 2,500ಕ್ಕೆ ಮಾರಿದೆ. ಅದೇ ಮಳೆಗಾಲದಲ್ಲಿ ಹಿಂದಿನ ಗೋಡೆಯಿಂದ ಗೆದ್ದಲು ಹತ್ತಿ ನೂರ ನಲವತ್ತರಷ್ಟು ಪುಸ್ತಕ ಮಣ್ಣಾದವು. ಆ ಎಂಟು ತಿಂಗಳಲ್ಲಿ ಬೆಳಕಿನ ಹಲಗೆಯಿಂದ ಹೊರಗೆ ಹೋದದ್ದು ಹನ್ನೊಂದೋ ಹನ್ನೆರಡೋ ಪುಸ್ತಕ, ಅದರಲ್ಲಿ ಎರಡನ್ನು ಒಯ್ದದ್ದು ನನ್ನ ಭಾವಮೈದುನ.

ತಿರುವು ಬಂದದ್ದು ಗೆದ್ದಲು ತಿಂದ ಪುಸ್ತಕಗಳನ್ನು ಬೇರ್ಪಡಿಸುವಾಗ. ಅರ್ಧ ಉಳಿದ ಒಂದು ಜನಪದ ಕಥಾಸಂಗ್ರಹದಲ್ಲಿ, ಮನೆಮನೆಯ ದೀಪ ಶಾಂತ ಮಾಡಿದ ಮೇಲೆ ಜ್ಯೋತಿಗಳೆಲ್ಲ ಊರ ಗುಡಿಯಲ್ಲಿ ಸೇರಿ ತಂತಮ್ಮ ಮನೆಯ ಸುದ್ದಿ ಹೇಳಿಕೊಳ್ಳುವ ಕಥೆ ಕಣ್ಣಿಗೆ ಬಿತ್ತು. ನೆಲದ ಮೇಲೆ ಕುಳಿತೇ ಓದಿ ಮುಗಿಸಿದೆ. ಅಲ್ಲಿ ಬೆಳಕೆಂದರೆ ಜ್ಞಾನವಲ್ಲ, ಬತ್ತಿಯ ತುದಿಯಲ್ಲಿ ಉರಿಯುವ ಕುಡಿ. ಮನೆಯ ಗುಟ್ಟನ್ನೆಲ್ಲ ಕಂಡದ್ದರಿಂದ ಅದಕ್ಕೆ ಮಾತಾಡಲು ವಿಷಯವಿದೆ. ಅಂದು ರಾತ್ರಿ ಮಾಡಿಕೊಂಡ ನಿಯಮವನ್ನು ಇಂದಿಗೂ ಬಿಟ್ಟಿಲ್ಲ. ಬೆಳಕಿನ ಹಲಗೆಗೆ ಬರುವ ಪುಸ್ತಕ "ಇಲ್ಲಿ ಉರಿಯುವುದು ಏನು?" ಎಂಬ ಪ್ರಶ್ನೆಗೆ ಒಂದು ಪುಟದಲ್ಲಾದರೂ ಉತ್ತರ ಕೊಡಬೇಕು: ಎಣ್ಣೆಯೋ, ಸೂರ್ಯನೋ, ಟಂಗ್‌ಸ್ಟನ್ ತಂತಿಯೋ. ಬದಲಾವಣೆಯ ಹಲಗೆಗೆ ಬರುವ ಪುಸ್ತಕ "ಏನು ಏನಾಯಿತು, ಆಗುವಾಗ ಏನು ಕಳೆಯಿತು?" ಎಂಬುದಕ್ಕೆ ಉತ್ತರಿಸಬೇಕು. ಉತ್ತರವನ್ನು ಪುಟಸಂಖ್ಯೆಯ ಜೊತೆಗೆ ಒಂದೇ ವಾಕ್ಯದಲ್ಲಿ ಚೀಟಿಯ ಮೇಲೆ ಬರೆದು ಪುಸ್ತಕದೊಳಗಿಂದ ಇಣುಕುವಂತೆ ಸಿಕ್ಕಿಸುತ್ತೇನೆ. ಉತ್ತರ ಸಿಕ್ಕದಿದ್ದರೆ ಎಷ್ಟು ದೊಡ್ಡವರು ಬರೆದಿದ್ದರೂ ಅದು ಹಳೆಯ ಕಪಾಟಿಗೇ ವಾಪಸು.

ಮುನ್ನೂರು ಪುಸ್ತಕ ಎಪ್ಪತ್ತಕ್ಕಿಳಿಯಿತು, ಹಲಗೆಗೆ ಉಸಿರಾಡಲು ಜಾಗ ಸಿಕ್ಕಿತು. ಉಳಿದವುಗಳಲ್ಲಿ ನಮ್ಮ ಜಿಲ್ಲೆಯ ಭಾಗ್ಯವೇ ದೊಡ್ಡದು. ಮೇಲುಕೋಟೆಯ ಪುತಿನ ಅವರ ಮೊದಲ ಕವನ ಸಂಗ್ರಹದ ಹೆಸರೇ "ಹಣತೆ", ಬಂದದ್ದು 1933ರಲ್ಲಿ, ಕಿಕ್ಕೇರಿಯ ಕೆ.ಎಸ್. ನರಸಿಂಹಸ್ವಾಮಿಯವರ "ದೀಪದ ಮಲ್ಲಿ" 1947ರದು. ಅವೆರಡನ್ನೂ ಅಕ್ಕಪಕ್ಕ ಇಟ್ಟೆ. ಅವುಗಳ ಪಕ್ಕಕ್ಕೆ ದೇವನೂರ ಮಹಾದೇವ ಅವರ "ಕುಸುಮಬಾಲೆ" ಬಂತು, ಏಕೆಂದರೆ ನಂಜನಗೂಡು ಸೀಮೆಯ ಮಾತಿನ ಆ ಪುಸ್ತಕದಲ್ಲಿ ಜೋತಮ್ಮಗಳು ರಾತ್ರಿ ಸೇರಿ ಮಾತಾಡುತ್ತಾರೆ, ಅಂದರೆ ನನಗೆ ನಿಯಮ ಕೊಟ್ಟ ಆ ಜನಪದ ಕಥೆಯ ದೀಪಗಳು ಅಲ್ಲಿ ಮತ್ತೆ ಹೊತ್ತಿಕೊಂಡಿವೆ. ಇವುಗಳ ನಡುವೆ ಶಿವನಸಮುದ್ರದ ವಿದ್ಯುದಾಗಾರದ ಬಗ್ಗೆ ಒಂದು ತೆಳ್ಳನೆಯ ಪುಸ್ತಿಕೆ ಇಟ್ಟೆ. ಚೀಟಿಯ ಮೇಲೆ ಬರೆದದ್ದು ಇಷ್ಟು: "ಮಳವಳ್ಳಿ ತಾಲ್ಲೂಕಿನಲ್ಲಿ ಹುಟ್ಟಿದ ಕರೆಂಟು 1902ರಲ್ಲಿ ಮೊದಲು ಹೋದದ್ದು ಕೋಲಾರದ ಚಿನ್ನದ ಗಣಿಗೆ." ಆ ಚೀಟಿ ಓದಿದ ಹಿರಿಯರು ಅಲ್ಲಿಯೇ ನಿಂತು ತಮ್ಮ ಊರಿಗೆ ಕರೆಂಟು ಬಂದ ದಿನದ ಕಥೆ ಶುರುಮಾಡುತ್ತಾರೆ, ಮತ್ತು ಕಥೆ ಹೇಳಿದ ಸಂಕೋಚಕ್ಕೋ ಏನೋ ಒಂದು ಪುಸ್ತಕ ತೆಗೆದುಕೊಂಡೇ ಹೋಗುತ್ತಾರೆ.

ಒಂದು ಪುಸ್ತಕ ಮಾತ್ರ ನಿಯಮವನ್ನೇ ಒದ್ದಾಡಿಸಿತು. ಬಿ.ಎಂ.ಶ್ರೀ. ಅವರ "ಕರುಣಾಳು ಬಾ ಬೆಳಕೆ" ಎಂಬ ಕವಿತೆಯಿದ್ದ ಪುಸ್ತಕ ಅದು; ಕವಿತೆ ಎಲ್ಲರಿಗೂ ಬಾಯಿಪಾಠ, ಆದರೆ ಅಲ್ಲಿ ಉರಿಯುವುದು ಏನು? ಏನೂ ಇಲ್ಲ, ಅದು ಬರೀ ಪ್ರಾರ್ಥನೆ. ತೆಗೆದಿಟ್ಟೆ. ನಿವೃತ್ತ ಶಿಕ್ಷಕಿಯೊಬ್ಬರು ಸಿಟ್ಟಾಗಿ, "ಅದಿಲ್ಲದ ಬೆಳಕಿನ ಹಲಗೆ ಯಾವ ಸೌಭಾಗ್ಯಕ್ಕೆ?" ಎಂದು ಚಂದಾ ನಿಲ್ಲಿಸಿಬಿಟ್ಟರು. ಮತ್ತೆ ಕುಳಿತು ಓದಿದಾಗ ಹೊಳೆಯಿತು: ಇಂಗ್ಲಿಷ್ ಮೂಲವನ್ನು ಇಂಗ್ಲೆಂಡಿನ ಪಾದ್ರಿ ನ್ಯೂಮನ್ ಬರೆದದ್ದು 1833ರಲ್ಲಿ ಮೆಡಿಟರೇನಿಯನ್ ಸಮುದ್ರದ ಹಡಗಿನ ಮೇಲೆ, ಊರು ದೂರವಿದ್ದಾಗ. ಅದೇ ಮೆಡಿಟರೇನಿಯನ್ನಿನ ನೀಲಿಯನ್ನು 1921ರ ಪ್ರಯಾಣದಲ್ಲಿ ಕಂಡು, ಇದು ಆಕಾಶದ ಪ್ರತಿಬಿಂಬವಷ್ಟೇ ಆಗಿರಲಾರದೆಂದು ಸಿ.ವಿ. ರಾಮನ್ ಯೋಚಿಸತೊಡಗಿದರು, ಆ ದಾರಿ ಅವರನ್ನು 1928ರ ಶೋಧಕ್ಕೆ ಮುಟ್ಟಿಸಿತು. ಒಂದೇ ಸಮುದ್ರ, ಎರಡು ಹಡಗು. ಆ ಕವಿತೆಯ ಪುಸ್ತಕವನ್ನೂ ರಾಮನ್ ಬಗೆಗಿನ ಪುಸ್ತಕವನ್ನೂ ಒಂದೇ ಚೀಟಿಯಿಂದ ಕಟ್ಟಿ ಇಟ್ಟೆ. ಶಿಕ್ಷಕಿಯವರು ಮರಳಿ ಬಂದರು, ರಾಮನ್ ಪುಸ್ತಕವನ್ನೂ ಒಯ್ದರು, ಎರಡು ವಾರ ತಡವಾಗಿ ಹಿಂದಿರುಗಿಸಿದರು. ದಂಡ ಹಾಕಲಿಲ್ಲ.

ಬದಲಾವಣೆಯ ಹಲಗೆಗೆ ಜೀವ ತುಂಬಿದ್ದು ಒಂದು ರೇಷ್ಮೆ ಕೈಪಿಡಿ. ನಮ್ಮ ಕಡೆ ರೇಷ್ಮೆ ಸಾಕುವವರು ಹುಳು ಪೊರೆ ಬಿಡುವುದನ್ನು ಜ್ವರವೆನ್ನುತ್ತಾರೆ. ನಾಲ್ಕು ಜ್ವರ ದಾಟಿದ ಮೇಲೆ ಹುಳು ಹಣ್ಣಾಗುತ್ತದೆ, ಚಂದ್ರಿಕೆ ಎಂಬ ಬಿದಿರಿನ ತಟ್ಟಿಗೆ ಬಿಟ್ಟರೆ ಗೂಡು ಕಟ್ಟುತ್ತದೆ, ಚಿಟ್ಟೆಯಾಗಿ ಹೊರಬೀಳುವ ಮೊದಲೇ ನಾವು ಅದನ್ನು ಬಿಸಿಗೆ ಒಡ್ಡಿ ಕೊಲ್ಲುತ್ತೇವೆ. ಏನು ಏನಾಯಿತು, ಏನು ಕಳೆಯಿತು ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಉತ್ತರ ಯಾವ ಕಾದಂಬರಿಯಲ್ಲೂ ಇಲ್ಲವೆನ್ನಿಸಿತು. ಆ ಕೈಪಿಡಿಯ ಪಕ್ಕದಲ್ಲಿ, ಬೆಳಿಗ್ಗೆ ಏಳುವಾಗ ಹುಳುವಾಗಿರುವ ಮನುಷ್ಯನ ಬಗ್ಗೆ ಕಾಫ್ಕಾ ಬರೆದ 1915ರ ಕಥೆಯ ಅನುವಾದವನ್ನು ಇಟ್ಟೆ. ಮಳವಳ್ಳಿ ಕಡೆಯ ರೈತರೊಬ್ಬರು ಎರಡನ್ನೂ ಕೈಯಲ್ಲಿ ಹಿಡಿದು, "ಏನ್ ಸಾ ಇದು, ನಮ್ ಹುಳಿನ ಪುಸ್ತಕದ ಪಕ್ಕ ಈ ಕತೆ ಯಾಕ್ ಮಡಗಿದ್ದೀರಿ?" ಎಂದು ಕೇಳಿದರು. ಓದಿ ಬಂದು ಹೇಳಿ ಎಂದೆ. ಮುಂದಿನ ವಾರ ಬಂದವರು, "ನಮ್ ಹುಳ ಜ್ವರ ಬಂದಾಗ ತಲೆ ಎತ್ತಿಕೊಂಡು ಅಲ್ಲಾಡ್ದೆ ಕೂತಿರ್ತದೆ ಸಾ, ಆವಾಗ ಮುಟ್ಟಬಾರ್ದು. ಅವನ ಮನೆಯವ್ರು ಮುಟ್ಟುಬುಟ್ರು" ಎಂದರು. ಆ ಕಥೆಯ ಬಗ್ಗೆ ನಾನು ಓದಿದ ಹಲವು ವಿಮರ್ಶೆಗಳಿಗಿಂತ ಆ ಮಾತು ನನಗೆ ಹೆಚ್ಚು ಹಿಡಿಸಿತು.

ಹುಳುಮನೆಯೊಳಗೆ ನೇರ ಬಿಸಿಲು ಬೀಳಬಾರದೆಂದೂ ಅದೇ ಕೈಪಿಡಿ ಹೇಳುತ್ತದೆ. ಹಾಗಾದರೆ ಅದು ಯಾವ ಹಲಗೆಯದು? ಈ ಗೊಂದಲದಿಂದ ಹುಟ್ಟಿದ್ದು ನಡುವಿನ ಹಲಗೆ, ಮತ್ತು ನನ್ನ ಅಂಗಡಿಯನ್ನು ಉಳಿಸಿದ್ದು ಅದೇ. ಬೆಳಕು ಬಿದ್ದದ್ದರಿಂದಲೇ ಏನಾದರೂ ಬದಲಾಗುವ ಪುಸ್ತಕಗಳು ಅಲ್ಲಿಗೆ ಬರುತ್ತವೆ: ಬೆಳ್ಳಿಯ ಲವಣ ಬೆಳಕಿಗೆ ಕಪ್ಪಾಗುವ ಛಾಯಾಗ್ರಹಣದ ಚರಿತ್ರೆ, ಎಲೆಯೊಳಗೆ ಬಿಸಿಲು ಆಹಾರವಾಗುವ ಸಸ್ಯಶಾಸ್ತ್ರ, ಲಾಟೀನು ಹೋಗಿ ಬಲ್ಬು ಬಂದ ಮನೆಯ ಸೊಸೆಯಂದಿರ ಕಥೆಗಳು. ವಸ್ತುವಿನಿಂದ ಚದುರಿ ಬರುವ ಬೆಳಕಿನಲ್ಲಿ ಒಂದು ಅಲ್ಪ ಭಾಗ ತನ್ನ ಬಣ್ಣವನ್ನೇ ಬದಲಿಸಿಕೊಂಡು ಬರುತ್ತದೆ ಎಂಬುದು ರಾಮನ್ ಶೋಧವಾದ್ದರಿಂದ ಆ ಪುಸ್ತಕವನ್ನೂ ಕೊನೆಗೆ ಇಲ್ಲಿಗೇ ತಂದೆ. ಪ್ರಾರ್ಥನೆ ಒಂಟಿಯಾಯಿತು, ಶಿಕ್ಷಕಿಯವರಿಗೆ ಇನ್ನೂ ತಿಳಿಸಿಲ್ಲ. ನಡುವಿನ ಹಲಗೆಯಲ್ಲಿ ನಲವತ್ತು ಪುಸ್ತಕಕ್ಕಿಂತ ಹೆಚ್ಚು ಇಡುವುದಿಲ್ಲ. ಎಡದಿಂದ ಮೂರನೆಯ ಸ್ಥಾನದಲ್ಲಿ ಯಾವ ಬಗೆಯ ಪುಸ್ತಕ ಇಡುತ್ತೇನೆ ಮತ್ತು ಅದನ್ನು ಯಾವ ವಾರ ಬದಲಿಸುತ್ತೇನೆ ಎಂಬುದನ್ನು ಮಾತ್ರ ಕೇಳಬೇಡಿ. ಮೈಸೂರಿನ ಗೆಳೆಯರ ಫೋಟೊದಲ್ಲಿಯೂ ಅದು ಸಿಕ್ಕಿಲ್ಲವೆಂದು ನನ್ನ ನಂಬಿಕೆ.

ಉಪಪ್ರಯೋಗಗಳೂ ನಡೆದವು. ಕಿಟಕಿಯ ಹೊಸ್ತಿಲಲ್ಲಿ ಅರ್ಧ ಮುಚ್ಚಿದ ಒಂದು ದಿನಪತ್ರಿಕೆಯನ್ನು ಎರಡು ತಿಂಗಳು ಬಿಟ್ಟೆ; ಬಿಸಿಲು ತಾಗಿದ ಅರ್ಧ ಚಹಾ ಬಣ್ಣಕ್ಕೆ ತಿರುಗಿತು. ಅಗ್ಗದ ಕಾಗದದಲ್ಲಿ ಉಳಿಯುವ ಲಿಗ್ನಿನ್ ಎಂಬ ಮರದ ಅಂಶದ ಕೆಲಸ ಅದು. ಆ ಹಾಳೆಯನ್ನೇ ನಡುವಿನ ಹಲಗೆಗೆ ಫಲಕವಾಗಿ ಅಂಟಿಸಿದ್ದೇನೆ, ಬೇರೆ ಬರಹ ಬೇಕಾಗಿಲ್ಲ. ಪಶ್ಚಿಮದ ಕಿಟಕಿಯ ಪಕ್ಕದ ಪುಸ್ತಕಗಳ ಬೆನ್ನಿನಲ್ಲಿ ಕೆಂಪು ಮೊದಲು ಮಾಸುವುದನ್ನೂ ನೀಲಿ ಹಾಗೆಯೇ ಉಳಿಯುವುದನ್ನೂ ಗಮನಿಸಿ ಪರದೆ ಹಾಕಿಸಿದೆ, ಖರ್ಚು 1,100.

ಇನ್ನೊಂದು ಪ್ರಯೋಗ ಕೈ ಸುಟ್ಟಿತು. ಒಂದು ಭಾನುವಾರ ಸಂಜೆ ಕರೆಂಟು ತೆಗೆದು, ಹರಳೆಣ್ಣೆಯ ಹಣತೆಗಳನ್ನು ಹಚ್ಚಿ, ಜ್ಯೋತಿಗಳ ಆ ಕಥೆಯನ್ನು ಗಟ್ಟಿಯಾಗಿ ಓದಿಸಿದೆ. ಹನ್ನೆರಡು ಜನ ಬಂದಿದ್ದರು. ಒಂದು ಹಣತೆಗೆ ಪುಟದ ಮೂರೋ ನಾಲ್ಕೋ ಸಾಲು ಮಾತ್ರ ಬೆಳಗುತ್ತದೆ, ಓದುವವರು ದೀಪವನ್ನು ಸಾಲಿನ ಜೊತೆಗೆ ಸರಿಸುತ್ತಾ ಹೋಗಬೇಕು. ಬತ್ತಿಯ ಕುಡಿ ಕರಿಗಟ್ಟಿದಾಗ ಚಿವುಟಲು ನಿಲ್ಲಬೇಕು, ಕಥೆಯೂ ಅಲ್ಲಿ ನಿಲ್ಲುತ್ತದೆ. ಹಾಗೆ ನಿಂತಾಗ ಕೇಳುವವರೇ ಮುಂದೇನೆಂದು ಹೇಳತೊಡಗಿದರು, ಅದು ಲಾಭ. ನಷ್ಟವೆಂದರೆ ಒಂದು ಹಣತೆ ಉರುಳಿ ಎಣ್ಣೆಯೆಲ್ಲ ಆ ರೇಷ್ಮೆ ಕೈಪಿಡಿಯ ಮೇಲೆ ಹರಿಯಿತು, ಮತ್ತು ಮೇಲಿನ ಮನೆಯವರು ಹೊಗೆಯೆಂದು ಗಲಾಟೆ ಮಾಡಿದರು. ಮರುದಿನ ಛಾವಣಿಯ ಮಸಿ ಒರೆಸುವಾಗ ತಾಳೆಗರಿ ನೆನಪಾಯಿತು: ಕಂಟವೆಂಬ ಲೋಹದ ಕಡ್ಡಿಯಿಂದ ಕೊರೆದ ಅಕ್ಷರ ಮೊದಲು ಕಣ್ಣಿಗೆ ಅಷ್ಟಾಗಿ ಕಾಣುವುದಿಲ್ಲ, ದೀಪದ ಮಸಿ ತಿಕ್ಕಿದ ಮೇಲೆ ಎದ್ದು ಬರುತ್ತದೆ. 1905ರಲ್ಲಿ ಮೈಸೂರಿನ ಓರಿಯೆಂಟಲ್ ಲೈಬ್ರರಿಯಲ್ಲಿ ವಿದ್ವಾಂಸರಾದ ಶಾಮಶಾಸ್ತ್ರಿಗಳ ಕೈಗೆ ಬಂದ ಕೌಟಿಲ್ಯನ ಅರ್ಥಶಾಸ್ತ್ರದ ಪ್ರತಿಯೂ ತಾಳೆಗರಿಯದೇ. ಹಸ್ತಪ್ರತಿಗಳ ಬಗೆಗಿನ ಪುಸ್ತಕವೊಂದು ಹೀಗೆ ಬೆಳಕಿನ ಹಲಗೆಗೆ ಬಂತು.

ಹಣದ ಮಾತಿಗೆ ಬರುತ್ತೇನೆ. ಹಳೆಯ ಕಬ್ಬಿಣದ ರ‍್ಯಾಕುಗಳಿಗೆ 18,000, ಗೆದ್ದಲಿನ ಔಷಧಿಗೆ ಸುಮಾರು 7,000, ಸ್ಪಾಟ್‌ಲೈಟಿನ ದಂಡ 6,500, ಚೀಟಿ ಕಾಗದಕ್ಕೆ ಎರಡು ಸಾವಿರ ಚಿಲ್ಲರೆ. ಒಟ್ಟು ಮೂವತ್ತೈದು ಸಾವಿರದ ಆಸುಪಾಸು ಕೈಬಿಟ್ಟಿತು. ಚಂದಾವನ್ನು 100ಕ್ಕೆ ಏರಿಸಿದೆ, ಯಾರೂ ಗೊಣಗಲಿಲ್ಲ. ಸದಸ್ಯರು ಈಗ ನೂರ ತೊಂಬತ್ತರ ಹತ್ತಿರ. ಕಾದಂಬರಿಯಲ್ಲದ ಪುಸ್ತಕ ತಿಂಗಳಿಗೆ ಇಪ್ಪತ್ತು ಹೋಗುತ್ತಿದ್ದಲ್ಲಿ ಈಗ ನೂರೈವತ್ತು ಹೋಗುತ್ತದೆ, ಮತ್ತು ಪತ್ತೇದಾರಿ ಓದುವವರು ನಡುವಿನ ಹಲಗೆಯ ಮುಂದೆ ಐದು ನಿಮಿಷ ನಿಲ್ಲದೆ ಹೋಗುವುದು ಕಡಿಮೆ. ಚೀಟಿಯನ್ನು ಬೇರೆಯವರಿಂದ ಬರೆಸಲು ಎರಡು ಸಲ ನೋಡಿದೆ. ಅವರು ಮತ್ತೆ "ಅಜ್ಞಾನದ ಕತ್ತಲೆ" ಎಂದು ಬರೆದರು. ಹಾಗಾಗಿ ರಾತ್ರಿ ಒಂಬತ್ತರ ಮೇಲೆ ನಾನೇ ಕುಳಿತು ಬರೆಯುತ್ತೇನೆ, ವಾರಕ್ಕೆ ಆರು ಪುಸ್ತಕಕ್ಕಿಂತ ಹೆಚ್ಚು ಆಗುವುದಿಲ್ಲ. "ನೀರು" ಎಂಬ ಇನ್ನೊಂದು ಹಲಗೆ ಮಾಡಲು ಹೋಗಿ ಕೈಬಿಟ್ಟೆ. ಕನ್ನಂಬಾಡಿ ಕಟ್ಟೆಯ ಪುಸ್ತಕ ಇಟ್ಟ ದಿನವೇ ಕಾವೇರಿಯ ಜಗಳ ಶುರುವಾಗಿ ಯಾರೂ ಪುಸ್ತಕ ಮುಟ್ಟಲಿಲ್ಲ.

ಆ ರೇಷ್ಮೆ ಕೈಪಿಡಿಯ ಎರಡನೆಯ ಪ್ರತಿಗಾಗಿ ಹುಡುಕುತ್ತಿದ್ದೇನೆ. ಇರುವ ಪ್ರತಿಗೆ ಈಗ ಒಂಬತ್ತು ಜನರ ಸರದಿಯಿದೆ, ಎಣ್ಣೆ ಬಿದ್ದ ಪುಟಗಳು ದೀಪಕ್ಕೆ ಹಿಡಿದರೆ ಹಿಂದಿನ ಪುಟದ ಅಕ್ಷರವೂ ಕಾಣುವಂತಾಗಿವೆ. ಈ ಕಸುಬಿನವರಲ್ಲಿ ಯಾರ ಬಳಿಯಾದರೂ ಇದ್ದರೆ ಮುಖಬೆಲೆಯ ಎರಡರಷ್ಟು ಕೊಡುತ್ತೇನೆ; ಮೂರರಷ್ಟು ಕೇಳಬೇಡಿ.